ಅಡಿಗೊಂದು ಲಕ್ಷದ ಗೋಡೆ

ನಮ್ಮ ಬೀದಿಯಲ್ಲಿ ಬಣ್ಣ ಕಾಣದ ಮನೆ ಇದ್ದದ್ದು ಒಂದೇ. ಅದು ಬಣ್ಣ ಬಳಿಯುವವನ ಮನೆ. ಎಡಗಡೆಯ ದರ್ಜಿಯ ಮನೆ, ಬಲಗಡೆಯ ಔಷಧಿ ಅಂಗಡಿ, ತಿರುವಿನಾಚೆಯ ಶಾಲೆ, ಎಲ್ಲಕ್ಕೂ ಅವನದೇ ಕೈ. ಅವನ ಮನೆಯ ಮುಂಗೋಡೆ ಮಾತ್ರ ಹದಿನೈದು ವರ್ಷದಿಂದ ಬರೀ ಸಿಮೆಂಟಿನ ಬೂದಿ ಮೈ ಹೊತ್ತು ನಿಂತಿತ್ತು. ಯಾರ ಮನೆಗೆ ಹೋದರೂ ಎರಡು ಕೋಟ್ ಹೊಡೆಯದೆ ಬಿಡುವುದಿಲ್ಲ ಎಂದು ಹಟ ಹಿಡಿಯುವವನಿಗೆ ಬೀದಿ ಇಟ್ಟ ಹೆಸರು ಕೋಟಣ್ಣ. ಎದುರುಮನೆ ಅಜ್ಜಿಗೆ ಅವನನ್ನು ರೇಗಿಸದಿದ್ದರೆ ಬೆಳಗಿನ ಕಾಫಿ ಗಂಟಲಲ್ಲಿ ಇಳಿಯುತ್ತಿರಲಿಲ್ಲ.

"ಏನಪ್ಪಾ ಕೋಟಣ್ಣ, ಊರಿಗೆಲ್ಲ ಎರಡೆರಡು ಕೋಟು, ನಿನ್ನ ಮನೆಗೆ ಒಂದೂ ಇಲ್ವಲ್ಲೋ! ಬಾಗಿಲು ತೆಗೆದ್ರೆ ದಿನಾ ಈ ಬೂದಿ ಮೋರೆ ನೋಡ್ಬೇಕು ನಾನು."

"ಸಾಲ ಇದೆಯಲ್ಲ ಅಜ್ಜಿ. ಕೊನೇ ಕಂತು ಕಟ್ಟೋ ತನಕ ಅದು ಬ್ಯಾಂಕಿನ ಗೋಡೆ. ಬ್ಯಾಂಕಿನ ಗೋಡೆಗೆ ನಾನ್ಯಾಕೆ ಬಿಟ್ಟಿ ಬಣ್ಣ ಹೊಡೀಲಿ?"

ತಮಾಷೆಯಂತೆ ಕಂಡರೂ ಅದು ಗಂಡ ಹೆಂಡತಿ ಸೇರಿ ಮಾಡಿಕೊಂಡಿದ್ದ ನಿರ್ಧಾರ. ಹೆಂಡತಿ ಆಸ್ಪತ್ರೆಯಲ್ಲಿ ನರ್ಸು, ಬೀದಿಗೆಲ್ಲ ನರ್ಸಕ್ಕ. ಕಂತು ಶುರುವಾದ ತಿಂಗಳಿನಿಂದಲೇ ಆಕೆ ರಾತ್ರಿ ಪಾಳಿ ಬೇಡಿ ತೆಗೆದುಕೊಂಡಿದ್ದಳು. ಅದಕ್ಕೆ ತಿಂಗಳಿಗೆ ನಾಲ್ಕು ಸಾವಿರದಷ್ಟು ಹೆಚ್ಚಿಗೆ ಸಿಗುತ್ತಿತ್ತು. ಸಂಜೆ ಊರೆಲ್ಲ ಮನೆ ಸೇರುವ ಹೊತ್ತಿಗೆ ಆಕೆ ಚೀಲ ಹೆಗಲಿಗೇರಿಸಿ ಹೊರಡುತ್ತಿದ್ದಳು. ಬೆಳಿಗ್ಗೆ ಬಂದು ಕಿಟಕಿಗೆ ದಪ್ಪ ಕಂಬಳಿ ಕಟ್ಟಿ, ತರಕಾರಿ ಗಾಡಿಯವನ ಕೂಗಿನ ನಡುವೆ ಎಷ್ಟು ಬಂದರೆ ಅಷ್ಟು ನಿದ್ದೆ ಮಾಡುತ್ತಿದ್ದಳು. ಸ್ವಂತ ಮನೆ ಮಾಡಿದವಳು ಆ ಮನೆಯಲ್ಲಿ ರಾತ್ರಿ ಮಲಗಿದ್ದೇ ಅಪರೂಪ.

ಇಬ್ಬರೂ ಹದಿನೈದು ವರ್ಷ ಎಂದು ಲೆಕ್ಕ ಹಾಕಿದ್ದರು. ಸಾಲ ಕೊಡಿಸಿದ ಏಜೆಂಟ್ ಹೇಳಿದ್ದೂ ಅಷ್ಟೇ. "ಹತ್ತು ಲಕ್ಷ ಸಾಲ, ತಿಂಗಳಿಗೆ ಒಂಬತ್ತು ಸಾವಿರದ ಎಂಟುನೂರು ಚಿಲ್ಲರೆ ಕಂತು. ನೀವು ಕೊಡೋ ಬಾಡಿಗೆಗಿಂತ ಸ್ವಲ್ಪ ಜಾಸ್ತಿ, ಅಷ್ಟೇ ಸಾರ್!" ಆ 'ಅಷ್ಟೇ' ಇದೆಯಲ್ಲ, ಅದರಷ್ಟು ದುಬಾರಿ ಮಾತನ್ನು ನಾನು ಈವರೆಗೆ ಕೇಳಿಲ್ಲ.

ಹದಿನೈದು ವರ್ಷ ತುಂಬಿತು. ನರ್ಸಕ್ಕ ಮೇಟ್ರನ್ ಮುಂದೆ ನಿಂತು, ಬರುವ ತಿಂಗಳಿನಿಂದ ರಾತ್ರಿ ಪಾಳಿ ಬೇಡ ಎಂದು ಹೇಳಿಯೇ ಬಂದಳು. ಮುಂಗೋಡೆಗೆ ಎಳೆ ಹಳದಿಯೇ ಆಗಬೇಕೆಂದು ಹಟ ಹಿಡಿದು ಗಂಡನ ನೀಲಿಯನ್ನು ಸೋಲಿಸಿದಳು. ಗೇಟಿಗೆ, ಮಾಳಿಗೆಯ ಮೇಲೊಂದು ಕೋಣೆಗೆ ಎಂದು ಕೂಡಿಟ್ಟಿದ್ದ ಒಂದೂವರೆ ಲಕ್ಷ ಸಿದ್ಧವಿತ್ತು. ಕೋಟಣ್ಣ ಒಪ್ಪಿಕೊಂಡಿದ್ದ ಊರವರ ಕೆಲಸಗಳನ್ನು ಮುಗಿಸಿ, ತನ್ನ ಮನೆಗೆ ಬಿದಿರಿನ ಸಾರುವೆ ಕಟ್ಟಿ, ಪ್ರೈಮರ್ ಒಣಗಿಸುವಷ್ಟರಲ್ಲಿ ತಿಂಗಳು ಸರಿದಿತ್ತು.

ಹಳದಿ ಡಬ್ಬಿಯ ಮುಚ್ಚಳ ತೆಗೆದ ಬೆಳಿಗ್ಗೆ ಬೀದಿಗೆ ಬೀದಿಯೇ ಹೊರಗೆ ನಿಂತಿತ್ತು. ಅಜ್ಜಿ ಕುರ್ಚಿ ಹಾಕಿಸಿಕೊಂಡು ಕೂತಿದ್ದರು. ಕೋಟಣ್ಣ ಸೂರಿನಂಚಿನಿಂದ ಶುರುಮಾಡಿ ಕಿಟಕಿಯ ತಲೆಯವರೆಗೆ ಇಳಿದಿದ್ದ. ಆಗ ಜೇಬಿನಲ್ಲಿದ್ದ ಫೋನು ಕಿಣಿ ಎಂದಿತು.

ನೋಡಿದರೆ ಕಂತು! ಖಾತೆಯಿಂದ ಮತ್ತೆ ಒಂದು ಕಂತು ಕಡಿತವಾಗಿದೆ!

ಕೋಟಣ್ಣ ಸಾರುವೆಯ ಮೇಲೆಯೇ ಹೊಟ್ಟೆ ಹಿಡಿದುಕೊಂಡು ನಕ್ಕು ಹೆಂಡತಿಯನ್ನು ಕೂಗಿದ. "ನೋಡೇ ಇಲ್ಲಿ! ಹದಿನೈದು ವರ್ಷ ತಿಂದೂ ತಿಂದೂ ಕಂಪ್ಯೂಟರ್‌ಗೆ ಚಟ ಹತ್ತಿಬಿಟ್ಟಿದೆ. ಬಾ, ಹೋಗಿ ವಾಪಸ್ ಇಸ್ಕೊಂಡು ಬರೋಣ."

ಮೈಯೆಲ್ಲ ಹಳದಿ ಚುಕ್ಕಿಯ ಗಂಡ, ರಾತ್ರಿ ಪಾಳಿಯಿಂದ ಬಿಡುಗಡೆಯಾದ ಖುಷಿಯಲ್ಲಿದ್ದ ಹೆಂಡತಿ, ಇಬ್ಬರೂ ಸ್ಕೂಟರ್ ಹತ್ತಿ ಬ್ಯಾಂಕಿಗೆ ಹೋದರು. ಸಾಲದ ಮೇಜಿನಲ್ಲಿ ಹೊಸದಾಗಿ ಸೇರಿದ್ದ ಹುಡುಗಿಯೊಬ್ಬಳು ಕೂತಿದ್ದಳು. ಪರದೆ ನೋಡಿದಳು. ಮತ್ತೊಮ್ಮೆ ನೋಡಿದಳು.

"ತಪ್ಪಾಗಿಲ್ಲ ಸರ್. ನಿಮ್ಮದು ಇನ್ನೂ ನಾಲ್ಕು ವರ್ಷ ಇದೆ."

"ಯಾವ ನಾಲ್ಕು ವರ್ಷ? ಹದಿನೈದು ಮುಗೀತಲ್ಲಮ್ಮ!"

"ಮೂರನೇ ವರ್ಷದ ಕೊನೇಲಿ ಬಡ್ಡಿ ದರ ಎಂಟೂವರೆಯಿಂದ ಹನ್ನೊಂದಕ್ಕೆ ಏರಿತು ಸರ್. ನಿಮಗೆ ಹೊರೆ ಆಗಬಾರದು ಅಂತ ಕಂತು ಮುಟ್ಟಿಲ್ಲ. ಅವಧಿ ಮಾತ್ರ ಮುಂದಕ್ಕೆ ಹೋಗಿದೆ. ಅಸಲು ಇನ್ನೂ ಮೂರು ಲಕ್ಷ ಎಪ್ಪತ್ತೆಂಟು ಸಾವಿರ ಬಾಕಿ. ಆಗ ಮೆಸೇಜ್ ಕಳಿಸಿದ್ವಿ."

ಹೊರೆ ಆಗಬಾರದು! ಆ ಕರುಣೆಯನ್ನು ಸ್ವಲ್ಪ ಬಿಚ್ಚಿ ನೋಡಿ. ಕಂತು ಏರಿದ್ದರೆ ಆ ತಿಂಗಳೇ ಇವರ ಜೇಬಿಗೆ ಬಿಸಿ ತಟ್ಟುತ್ತಿತ್ತು, ಅಂದೇ ಬ್ಯಾಂಕಿಗೆ ಓಡಿ ಬಂದು ಕೇಳುತ್ತಿದ್ದರು. ನೋವಾಗದ ಜಾಗದಲ್ಲಿ ಕೊಯ್ದರೆ ಯಾರೂ ಕಿರುಚುವುದಿಲ್ಲ.

ಕಿರುಚಿದ್ದು ನರ್ಸಕ್ಕ. ಕಿರುಚಿದಳು ಅನ್ನುವುದಕ್ಕಿಂತ, ಸೂಜಿಗೆ ಹೆದರುವ ರೋಗಿಯ ಹತ್ತಿರ ಮಾತಾಡುವ ಆ ತಣ್ಣನೆಯ ದನಿಯಲ್ಲೇ ಇಡೀ ಬ್ಯಾಂಕು ಕೇಳುವಂತೆ ಹೇಳಿದಳು. "ನೋಡಮ್ಮ, ನಾನೂ ಚುಚ್ಚೋಳೇ. ದಿನಾ ಚುಚ್ತೀನಿ. ಆದ್ರೆ ಈಗ ಚುಚ್ತೀನಿ, ಸ್ವಲ್ಪ ನೋವಾಗತ್ತೆ ಅಂತ ಹೇಳಿ ಚುಚ್ತೀನಿ. ನೀವು ನಿದ್ದೆಯಲ್ಲಿ ಚುಚ್ಚಿದೀರಿ. ಅದೂ ಯಾರ ನಿದ್ದೆ? ನಿದ್ದೇನೇ ಇಲ್ಲದೋಳ ನಿದ್ದೆ!"

ಹುಡುಗಿಯ ಮುಖ ಕೆಂಪಾಯಿತು. ಪಾಪ, ಆ ಮೆಸೇಜು ಹೊರಟಾಗ ಅವಳು ಶಾಲೆಗೆ ಹೋಗುತ್ತಿದ್ದಿರಬೇಕು.

ಕೋಟಣ್ಣ ಮಾತ್ರ ಇನ್ನೂ ಒಂದೇ ಪ್ರಶ್ನೆಯಲ್ಲಿ ಸಿಕ್ಕಿಬಿದ್ದಿದ್ದ. "ಹದಿನೈದು ವರ್ಷ ಕಟ್ಟಿದ್ದು ಎಷ್ಟಾಯ್ತು?"

"ಹದಿನೇಳು ಲಕ್ಷ ಎಪ್ಪತ್ತು ಸಾವಿರ."

"ಅದ್ರಲ್ಲಿ ಮನೆಗೆ ಸೇರಿದ್ದು?"

"ಅಸಲಿಗಾ ಸರ್? ಆರು ಲಕ್ಷ ಇಪ್ಪತ್ತೆರಡು ಸಾವಿರ. ಉಳಿದದ್ದು ಬಡ್ಡಿಗೆ. ಬಡ್ಡಿ ದಿನದ ಲೆಕ್ಕ ಸರ್. ಇನ್ನೂ ತೀರದೆ ಉಳಿದಿರೋ ಅಸಲಿನ ಮೇಲೆ ದಿನಾ ಬೀಳತ್ತೆ. ಕಂತು ಬಂದಾಗ ಮೊದಲು ಬಡ್ಡಿ ಹಿಡ್ಕೊಂಡು ಮಿಕ್ಕಿದ್ದನ್ನ ಅಸಲಿಗೆ ಹಾಕ್ತೀವಿ. ನಿಮ್ಮ ಮೊದಲನೇ ಕಂತಲ್ಲಿ ಏಳು ಸಾವಿರ ಬಡ್ಡಿಗೇ ಹೋಗಿದೆ."

ಕೋಟಣ್ಣ ಕುರ್ಚಿಯಿಂದ ಚಂಗನೆ ಎದ್ದ. ಕಣ್ಣು ಅರಳಿತ್ತು. ಸೋತವನ ಮುಖವಲ್ಲ ಅದು. ಬಹಳ ದಿನದಿಂದ ಹುಡುಕುತ್ತಿದ್ದ ಸೋರಿಕೆಯ ಜಾಗ ಸಿಕ್ಕಿದವನ ಮುಖ.

"ದಿನಗೂಲಿ! ಅಯ್ಯೋ, ನಾನು ಬ್ಯಾಂಕಿಗೆ ದಿನಗೂಲಿ ಕೊಡ್ತಾ ಇದೀನಿ ಕಣೇ!"

ಸಾಲಿನಲ್ಲಿದ್ದವರೆಲ್ಲ ತಿರುಗಿ ನೋಡಿದರು.

ಅವನು ಯಾವ ಗಿರಾಕಿಯ ಮನೆಗೆ ಹೋದರೂ ಮೊದಲು ಹೇಳುವ ಮಾತೇ ಇದು: ನನ್ನನ್ನು ದಿನಗೂಲಿಗೆ ಕರೆಯಬೇಡಿ, ಒಟ್ಟು ಇಷ್ಟು ಎಂದು ಗುತ್ತಿಗೆ ಮಾತಾಡಿ. ದಿನಗೂಲಿಯವನಿಗೆ ಗೋಡೆ ಮುಗಿದರೆ ನಷ್ಟ, ಗೋಡೆ ಉಳಿದಷ್ಟೂ ಲಾಭ. ಕುಂಚ ಒಣಗಿಸುತ್ತಾ, ಬೀಡಿ ಸೇದುತ್ತಾ, ಒಂದು ಕೋಣೆಯನ್ನು ತಿಂಗಳು ಎಳೆಯುತ್ತಾನೆ. ಬಡಿದುಕೊಂಡು ಬಡಿದುಕೊಂಡು ಊರಿಗೆಲ್ಲ ಇದನ್ನು ಹೇಳಿದವನು ತನ್ನ ಜೀವನದ ಅತಿ ದೊಡ್ಡ ಕೆಲಸವನ್ನು ದಿನಗೂಲಿಗೆ ಕೊಟ್ಟು ಬಂದಿದ್ದ. ಒಟ್ಟು ಎಷ್ಟು ಎಂದು ಕೇಳಿರಲೇ ಇಲ್ಲ.

"ಈಗ ಕೇಳ್ತೀನಮ್ಮ. ಹೀಗೇ ಬಿಟ್ರೆ ಒಟ್ಟು ಎಷ್ಟಾಗತ್ತೆ?"

"ಇಪ್ಪತ್ತೆರಡು ಲಕ್ಷ ನಲವತ್ತು ಸಾವಿರ."

"ಅಂದ್ರೆ ನಾನು ಎರಡೂಕಾಲು ಮನೆ ಕೊಂಡ್ಕೊಂಡಿದೀನಿ! ಒಂದ್ರಲ್ಲಿ ಇದೀನಿ, ಸರಿ. ಮಿಕ್ಕ ಒಂದೂಕಾಲು ಎಲ್ಲಿದೆ ತೋರಿಸ್ರಮ್ಮ, ಅದಕ್ಕೂ ಬಣ್ಣ ಹೊಡ್ದು ಬರ್ತೀನಿ!"

ಬ್ಯಾಂಕು ಗೊಳ್ಳೆಂದು ನಕ್ಕಿತು. ಹುಡುಗಿಯೂ ತಡೆಯಲಾರದೆ ನಕ್ಕಳು. ನಕ್ಕ ಮೇಲೆ ಅವಳ ದನಿ ಬದಲಾಯಿತು. ಕುರ್ಚಿ ಹತ್ತಿರಕ್ಕೆ ಎಳೆದುಕೊಂಡು ಹೇಳಿದಳು. ಹೊಸ ಸಾಲಗಾರರಿಗೆ ಈಗ ದರ ಎಂಟೂವರೆಯೇ. ಹಳಬರು ಅರ್ಜಿ ಕೊಟ್ಟರೆ ಅವರಿಗೂ ಅದೇ ದರ ಸಿಗುತ್ತದೆ.

"ಮತ್ಯಾಕೆ ಕೊಟ್ಟಿಲ್ಲ?" ಎಂದಳು ನರ್ಸಕ್ಕ.

"ಕೇಳಿದವರಿಗೆ ಕೊಡ್ತೀವಿ ಮೇಡಂ."

"ಕೇಳದೇ ಇದ್ದೋರಿಗೆ?"

ಹುಡುಗಿ ಅರ್ಜಿಯ ಕಾಗದ ಹುಡುಕತೊಡಗಿದಳು. ಇದನ್ನು ಓದುತ್ತಿರುವವರೇ, ಆ ಪ್ರಶ್ನೆಯ ಉತ್ತರ ನಿಮ್ಮ ನಿಮ್ಮ ಖಾತೆಯಲ್ಲಿದೆ. ನಿಮ್ಮ ಕಂತೆಷ್ಟು ಎಂದರೆ ನಿದ್ದೆಗಣ್ಣಿನಲ್ಲೂ ಹೇಳುತ್ತೀರಿ. ಕೊನೆಗೆ ಒಟ್ಟು ಎಷ್ಟು ಕಟ್ಟಿರುತ್ತೀರಿ, ಹೇಳಿ ನೋಡೋಣ? ಕಂತಿನ ಅಂಕಿಯನ್ನು ಆಳೆತ್ತರಕ್ಕೆ ಬರೆಸಿ ಮೇಲ್ಸೇತುವೆಗೆ ನೇತುಹಾಕುವವರು ಒಟ್ಟು ಮೊತ್ತವನ್ನು ಇರುವೆಗಾತ್ರಕ್ಕೂ ಬರೆಸುವುದಿಲ್ಲ. ಸಾಲವೇ ಪಾಪ ಎನ್ನುವವನಲ್ಲ ನಾನು. ಸಾಲ ಮಾಡದಿದ್ದರೆ ಕೋಟಣ್ಣ ಅಷ್ಟೂ ವರ್ಷ ಬಾಡಿಗೆ ಕಟ್ಟಿ, ಕೈಯಲ್ಲಿ ಕೀಲಿಯೂ ಇಲ್ಲದೆ ನಿಂತಿರುತ್ತಿದ್ದ. ಆದರೆ ಬೆಲೆ ಹೇಳದೆ ಮಾರುವವನನ್ನು ಸಂತೆಯಲ್ಲಾದರೆ ನಾವು ಸುಮ್ಮನೆ ಬಿಡುತ್ತೇವೆಯೇ?

ಹುಡುಗಿ ಎರಡು ದಾರಿ ತೋರಿಸಿದಳು. ಕೂಡಿಟ್ಟ ಒಂದೂವರೆ ಲಕ್ಷವನ್ನು ಈಗಲೇ ಅಸಲಿಗೆ ಕಟ್ಟಿ, ದರ ಇಳಿಸಿಕೊಳ್ಳುವುದು. ಅದಾದ ಮೇಲೆ ಹಳೆಯ ಕಂತನ್ನೇ ಕಟ್ಟಿದರೆ ಎರಡು ವರ್ಷ ಚಿಲ್ಲರೆಯಲ್ಲಿ ಸಾಲ ಮುಗಿಯುತ್ತದೆ. ನಾಲ್ಕು ವರ್ಷವನ್ನೇ ಉಳಿಸಿಕೊಂಡರೆ ಕಂತು ಐದು ಸಾವಿರದ ಆರುನೂರಕ್ಕೆ ಇಳಿಯುತ್ತದೆ.

ಮನೆಗೆ ಬಂದ ಕೋಟಣ್ಣ ಸಾರುವೆ ಹತ್ತಲಿಲ್ಲ. ಅಳತೆ ಟೇಪು ಹಿಡಿದ. ಮುಂಗೋಡೆ ಸೂರಿನಂಚಿನಿಂದ ನೆಲಕ್ಕೆ ಸರಿಯಾಗಿ ಹತ್ತಡಿ. ಸಾಲ ಹತ್ತು ಲಕ್ಷ. "ಅಡಿಗೊಂದು ಲಕ್ಷ!" ಎಂದು ಕುಣಿದೇಬಿಟ್ಟ. ಮೇಲಿನಿಂದ ಆರಡಿ ಎರಡಂಗುಲ ಅಳೆದು, ಸುಣ್ಣದ ದಾರ ಬಿಗಿದು ಗೀಟು ಹೊಡೆದ. "ಇಲ್ಲೀವರ್ಗೆ ನಮ್ದು. ಒಂದೂವರೆ ಲಕ್ಷ ಕಟ್ಟಿದ್ರೆ ಏಳಡಿ ಎಂಟಂಗುಲ. ಅದರ ಕೆಳಗಡೆದು ಬ್ಯಾಂಕಿಂದು. ನಮ್ಮದಕ್ಕೆ ಮಾತ್ರ ಬಣ್ಣ."

ಅಜ್ಜಿ ಕುರ್ಚಿಯಲ್ಲೇ ಮುಂದಕ್ಕೆ ಬಾಗಿದರು. "ಥೂ, ಮನೆಗೆ ಅಂಗಿ ಹಾಕಿ ಚಡ್ಡಿ ಬಿಟ್ಟಂಗಾಗತ್ತಲ್ಲೋ!"

"ಆಗ್ಲಿ ಅಜ್ಜಿ! ನಾಚಿಕೆ ಆಗಬೇಕಾದೋರಿಗೆ ಆಗ್ಲಿ. ಚಡ್ಡಿ ಎರಡೇ ವರ್ಷದಲ್ಲಿ ತೊಡಿಸ್ತೀನಿ, ನೋಡ್ತಿರಿ."

"ಎರಡಲ್ಲ, ನಾಲ್ಕು," ಎಂದಳು ನರ್ಸಕ್ಕ ಬಾಗಿಲಲ್ಲಿ ನಿಂತು.

ಕೋಟಣ್ಣ ಹೌಹಾರಿದ. "ಏನೇ ಹೇಳ್ತಿದೀಯ? ಕಡಿಮೆ ಕಂತು ತೋರಿಸೇ ಅಲ್ವಾ ಅವತ್ತು ನಮ್ಮನ್ನ ಬೀಳಿಸಿದ್ದು? ಮತ್ತೆ ಅದೇ ಗುಂಡಿಗೆ ಬೀಳೋದಾ?"

"ದೊಡ್ಡ ಕಂತು ಕಟ್ಬೇಕಾದ್ರೆ ನಾನು ಮತ್ತೆ ನೈಟ್ ಡ್ಯೂಟಿಗೆ ಹೋಗ್ಬೇಕು. ಹೌದೋ ಅಲ್ವೋ?"

ಅವನು ಟೇಪನ್ನು ಸುತ್ತಿದ.

"ಎರಡು ದಾರಿಗೂ ಒಟ್ಟು ಎಷ್ಟಾಗತ್ತೆ ಅಂತ ಆ ಹುಡುಗೀನ ಕೇಳ್ಕೊಂಡೇ ಬಂದಿದೀನಿ ರೀ. ಬೇಗ ಮುಗಿಸಿದ್ರೆ ಎರಡೂವರೆ ಲಕ್ಷ. ನಿಧಾನಕ್ಕೆ ಕಟ್ಟಿದ್ರೆ ಎರಡು ಲಕ್ಷ ಎಪ್ಪತ್ತು. ಇಪ್ಪತ್ತು ಸಾವಿರ ವ್ಯತ್ಯಾಸ. ಎರಡು ವರ್ಷದ ರಾತ್ರಿ ನಿದ್ದೆಗೆ ಇಪ್ಪತ್ತು ಸಾವಿರ! ಇಷ್ಟು ಅಗ್ಗಕ್ಕೆ ಇನ್ಯಾರು ಕೊಡ್ತಾರೆ ನನಗೆ?"

"ಆದ್ರೂ ಅದು ಬಡ್ಡಿ ಕಣೇ..."

"ಬಡ್ಡಿನೇ. ಅವತ್ತು ಬೆಲೆ ಮುಚ್ಚಿಟ್ಟು ನಮ್ಮ ತಲೆಗೆ ಕಟ್ಟಿದ್ರು. ಇವತ್ತು ಬೆಲೆ ಕೇಳಿ, ನೋಡಿ, ಬೇಕು ಅಂತ ನಾನೇ ಕೊಂಡ್ಕೋತಿದೀನಿ. ನಿಮಗೆ ಅಷ್ಟು ಉರೀತಿದ್ರೆ ಭಾನುವಾರ ಇನ್ನೊಂದು ಗುತ್ತಿಗೆ ಹಿಡೀರಿ. ಮಿಕ್ಕಿದ್ದು ಸಿಕ್ಕಿದಾಗೆಲ್ಲ ಅಸಲಿಗೆ ಹಾಕಬಹುದಂತೆ, ದಂಡ ಇಲ್ವಂತೆ. ಅದನ್ನೂ ಕೇಳ್ಕೊಂಡು ಬಂದಿದೀನಿ."

"ಅವಳು ಹೇಳಿದ್ ಕೇಳೋ," ಎಂದರು ಅಜ್ಜಿ. "ನಾನು ಇಷ್ಟು ವರ್ಷ ಬೂದಿ ನೋಡಿದೀನಿ. ಎರಡಡಿ ಬೂದಿ ಇನ್ನೊಂದ್ ನಾಲ್ಕು ವರ್ಷ ನೋಡಿದ್ರೆ ಕಣ್ಣೇನೂ ಹೋಗಲ್ಲ."

ಅರ್ಜಿ ಕೊಟ್ಟರು, ದರ ಇಳಿಯಿತು. ಮಾಳಿಗೆಯ ಕೋಣೆಯ ದುಡ್ಡು ಅಸಲಿಗೆ ಹೋಯಿತು. ಹಳದಿ ಏಳಡಿ ಎಂಟಂಗುಲಕ್ಕೆ ಇಳಿದು ಗೀಟಿನ ಮೇಲೆ ಚೂಪಾಗಿ ನಿಂತಿತು. ಕೆಳಗೆ ಮೊಣಕಾಲಿನ ಮೇಲಕ್ಕೆ ಬರುವಷ್ಟು ಬೂದಿ ಉಳಿಯಿತು. ದಾರಿಹೋಕರು ಸ್ಕೂಟರ್ ನಿಲ್ಲಿಸಿ, ಬಣ್ಣ ಸಾಲದೆ ಹೋಯಿತೇ ಎಂದು ಕೇಳತೊಡಗಿದರು. ಕೋಟಣ್ಣ ಕುಂಚ ಹಿಡಿದುಕೊಂಡೇ ಕಥೆ ಶುರುಮಾಡುತ್ತಿದ್ದ. ದರ್ಜಿ ಒಂದು ದಿನ ತನ್ನ ಅಳತೆ ಪಟ್ಟಿಯನ್ನೇ ತಂದು, "ಅಣ್ಣಾ, ನಮ್ಮನೆ ಎಷ್ಟಡಿ ನಮ್ದು, ಸ್ವಲ್ಪ ನೋಡು" ಎಂದ. ಔಷಧಿ ಅಂಗಡಿಯವನು ಮರುದಿನವೇ ಬ್ಯಾಂಕಿನಲ್ಲಿದ್ದ. ಸಾಲದ ಮೇಜಿನ ಮುಂದೆ ಈಗ ದಿನಾ ಬೆಳಿಗ್ಗೆ ನಮ್ಮ ಬೀದಿಯವರದೇ ಸಾಲು. ಕೇಳಿದವರಿಗೆ ಕೊಡುತ್ತಾರಂತಲ್ಲ, ಎಲ್ಲರೂ ಕೇಳುತ್ತಿದ್ದಾರೆ!

ಹೊಸ ಕಂತು ಮೊದಲ ಸಲ ಕಡಿತವಾದ ದಿನ ಸಂಜೆ ಕೋಟಣ್ಣ ಗೋಡೆಯ ಮುಂದೆ ಮಣೆ ಹಾಕಿಕೊಂಡು ಕೂತ. ಅಸಲಿಗೆ ಹೋಗಿದ್ದು ನಾಲ್ಕು ಸಾವಿರ. ಗೋಡೆಯ ಲೆಕ್ಕದಲ್ಲಿ ಬರೀ ಅರ್ಧ ಅಂಗುಲ. ಸಣ್ಣ ಕುಂಚ ಅದ್ದಿ ಈ ತುದಿಯಿಂದ ಆ ತುದಿಗೆ ಪಟ್ಟಿ ಎಳೆದ.

"ಅರ್ಧ ಅಂಗುಲಕ್ಕೆ ಇಷ್ಟೊಂದು ಆರ್ಭಟವಾ?" ಎಂದರು ಅಜ್ಜಿ.

"ಇನ್ನೂ ಒಂದು ಕೋಟ್ ಬಾಕಿ ಇದೆ ಅಜ್ಜಿ."

ನರ್ಸಕ್ಕ ಆಸ್ಪತ್ರೆಯಿಂದ ಆಗತಾನೇ ಬಂದಿದ್ದಳು. ಹದಿನೈದು ವರ್ಷ ಆಕೆ ಚೀಲ ಹೊತ್ತು ಹೊರಡುತ್ತಿದ್ದ ಹೊತ್ತು ಅದು. ಚೀಲವನ್ನು ಒಳಗಿಟ್ಟು ಬಂದು, ಮೆಟ್ಟಿಲ ಮೇಲೆ ಕೂತು, ಬಣ್ಣದ ಡಬ್ಬಿಯನ್ನು ಮಡಿಲ ಹತ್ತಿರ ಎಳೆದುಕೊಂಡಳು.

"ಮೊದಲನೇ ಕೋಟ್ ಚೆನ್ನಾಗಿ ಒಣಗ್ಲಿ ರೀ," ಎಂದಳು. "ಅವಸರ ಏನಿಲ್ಲ. ನಾನು ಎಲ್ಲೂ ಹೊರಟಿಲ್ಲ."