ತಿಪ್ಪೆಯಲ್ಲಿ ಹೂತಿಟ್ಟ ಉಂಡೆಗಳು

ನಾನು ಚಿಕ್ಕವಳಿದ್ದಾಗ ನಮ್ಮ ಮನೆಯಲ್ಲಿ ಮನುಷ್ಯರಿಗಿಂತ ಇಲಿಗಳೇ ಹೆಚ್ಚಾಗಿದ್ದವು. ಅವು ಒಂದೇ ಜಾತಿಯವಲ್ಲ. ಹಿತ್ತಲಿನಲ್ಲಿ ಬಿಲ ತೋಡುವ ಹೆಗ್ಗಣ ಬೆಕ್ಕಿನ ಮರಿಯಷ್ಟು ದಪ್ಪ. ರಾಗಿ ಗುಡಾಣಗಳ ಸಂದಿಯಲ್ಲಿ ಅಡಗುವ ಚಿಟ್ಟಿಲಿ ನನ್ನ ಅಪ್ಪನ ಹೆಬ್ಬೆರಳಿನಷ್ಟೇ. ಗೋಡೆಯ ಬುಡದಲ್ಲಿ ಕಿಚಕಿಚ ಅನ್ನುತ್ತ ಓಡುವ ಮೂಗಿಲಿಗೆ ಉದ್ದ ಮೂತಿ. ಅದು ಹೋದ ದಾರಿಯೆಲ್ಲ ಗಬ್ಬು ನಾತ. ಇನ್ನು ಸೂರಿನ ಬಿದಿರು ಗಳುಗಳ ಮೇಲೆ ಓಡಾಡುವ ಕರಿಬೆನ್ನಿನ ಇಲಿ, ಅದರ ಬಾಲ ಮೈಗಿಂತ ಉದ್ದ. ಬೇರೆಯವು ಸತ್ತರೆ ಯಾರೂ ತಿರುಗಿ ನೋಡುತ್ತಿರಲಿಲ್ಲ. ಆದರೆ ಸೂರಿನ ಇಲಿ ತಾನಾಗಿ ಸತ್ತು ಬಿದ್ದರೆ ಇಡೀ ಊರೇ ಮನೆ ಬಿಟ್ಟು ಹೊಲದ ಗುಡಿಸಲಿಗೆ ಹೋಗುತ್ತಿತ್ತು. ಅದು ಪ್ಲೇಗು ಬಂದಿತೆಂಬ ಗುರುತು.

ಆಗ ಮೈಸೂರು ಮಹಾರಾಜರ ಕಾಲ. ನಮ್ಮ ಹಳ್ಳಿ ಚನ್ನಪಟ್ಟಣದಿಂದ ಕನಕಪುರಕ್ಕೆ ಹೋಗುವ ಗಾಡಿದಾರಿಯ ಪಕ್ಕದಲ್ಲಿತ್ತು. ಮನೆಯ ನಡುಕೋಣೆಯಲ್ಲಿ ಅಪ್ಪ ರೇಷ್ಮೆಹುಳು ಸಾಕುತ್ತಿದ್ದ. ಬಿದಿರಿನ ತಟ್ಟೆಗಳನ್ನು ಒಂದರ ಮೇಲೊಂದು ಜೋಡಿಸಿ, ಹಿಪ್ಪುನೇರಳೆ ಸೊಪ್ಪು ಹರಡಿ, ಹಗಲಿಗೆ ಇಷ್ಟು ಸಲ ರಾತ್ರಿಗೆ ಇಷ್ಟು ಸಲ ಎಂದು ಮೇವು ಹಾಕುತ್ತಿದ್ದೆವು. ಹುಳುಗಳು ದೊಡ್ಡವಾದ ಮೇಲೆ ಅವು ಸೊಪ್ಪು ಮೇಯುವ ಸರಸರ ಸದ್ದು ಪಡಸಾಲೆಗೂ ಕೇಳಿಸುತ್ತಿತ್ತು. ಸೂರಿನ ಇಲಿಗಳಿಗೆ ಆ ಹುಳುವೆಂದರೆ ಹಬ್ಬದೂಟ. ಆ ಸಲ ಒಂದು ಪೂರ್ತಿ ತಟ್ಟೆಯನ್ನು ಬರಿದು ಮಾಡಿದ್ದವು. ಬೆಕ್ಕನ್ನು ಒಳಗೆ ಬಿಡುವಂತಿರಲಿಲ್ಲ, ಅದು ಹಾರಿದರೆ ತಟ್ಟೆಗಳು ಮಗುಚುತ್ತಿದ್ದವು. ಹುಳು ಗೂಡು ಕಟ್ಟಲು ನಾಲ್ಕು ದಿನ ಉಳಿದಿರುವಾಗ ಅಪ್ಪ ರಾಗಿಹಿಟ್ಟು, ಬೆಲ್ಲ, ಪಾಷಾಣ ಕಲಸಿ ಐದು ಉಂಡೆ ಮಾಡಿ ತಟ್ಟೆಗಳ ಕೆಳಗೂ ಮೂಲೆಗಳಲ್ಲೂ ಇಟ್ಟ.

ನಮ್ಮ ತಮ್ಮ ಆಗಿನ್ನೂ ಅಂಬೆಗಾಲಿಡುತ್ತಿದ್ದ. ಸಿಕ್ಕಿದ್ದೆಲ್ಲ ಬಾಯಿಗೆ. ಅವನು ಹುಳುಮನೆಯ ಹೊಸ್ತಿಲು ದಾಟಿ ಒಂದು ಉಂಡೆಯ ಕಡೆಗೆ ಕೈ ಚಾಚಿದ್ದನ್ನು ಅಕ್ಕ ಕಂಡಳು. ಅಪ್ಪನಿಗೆ ಹೇಳುವ ಧೈರ್ಯ ಅವಳಿಗಿರಲಿಲ್ಲ. ಐದು ಉಂಡೆಗಳನ್ನೂ ಎಲೆಯಲ್ಲಿ ಹಿಡಿದು ಒಂದು ಕರಟಕ್ಕೆ ಹಾಕಿದಳು. ನಾನು ಗುದ್ದಲಿ ಹಿಡಿದು ಜೊತೆಗೆ ಹೋದೆ. ತಿಪ್ಪೆಯ ಅಂಚಿನಲ್ಲಿ ಮೊಣಕೈಯುದ್ದ ಗುಂಡಿ ತೆಗೆದು ಹೂತೆವು.

"ಯಾರ್ಗಾದ್ರೂ ಹೇಳಿದ್ಯೋ, ನಿನ್ ಜೊತೆ ಮಾತೇ ಆಡಾಕಿಲ್ಲ" ಎಂದು ಅಕ್ಕ ನನ್ನಿಂದ ಆಣೆ ಹಾಕಿಸಿಕೊಂಡಳು.

ಸಂಜೆ ಅಪ್ಪ ಮೂಲೆಗಳನ್ನೆಲ್ಲ ನೋಡಿ ಬಂದು, "ಒಂದೂ ಬುಡ್ದಂಗೆ ತಿಂದವೆ ಇಲಿ ನನ್ ಮಕ್ಳು" ಎಂದು ಖುಷಿಪಟ್ಟ. ಅಕ್ಕ ತಲೆ ಬಗ್ಗಿಸಿ ಸೊಪ್ಪು ಹೆಚ್ಚುತ್ತಿದ್ದಳು.

ಮರುದಿನ ಬೆಳಿಗ್ಗೆ ಅವ್ವ ಒಲೆ ಹಚ್ಚುತ್ತಿದ್ದಳು. ನಾನು ಪಕ್ಕದಲ್ಲಿ ಕೂತಿದ್ದೆ. ಸೂರಿನಿಂದ ಏನೋ ತೊಪ್ಪನೆ ಬಿತ್ತು. ಕರಿಬೆನ್ನು, ಉದ್ದ ಬಾಲ, ಬಾಯಿಯ ಹತ್ತಿರ ಒಂದು ಹನಿ ರಕ್ತ. ಅವ್ವ ಕಿರುಚಿದ್ದು ಬೀದಿಗೆಲ್ಲ ಕೇಳಿತು. ಎದುರುಮನೆಯ ದೊಡ್ಡಪ್ಪ ಓಡಿ ಬಂದ. ಅವನ ಹಿಂದೆ ನಾಲ್ಕೈದು ಜನ ಬಂದು ಬಾಗಿಲಲ್ಲೇ ನಿಂತರು. ಯಾರೂ ಒಳಗೆ ಕಾಲಿಡಲಿಲ್ಲ.

"ಇಲಿ ಬಿತ್ತೇನ್ಲಾ?" ಎಂದ ದೊಡ್ಡಪ್ಪ. ಅಪ್ಪ ಹಿತ್ತಲಿನಿಂದ ಒಳಗೆ ಬಂದು ಇಲಿಯನ್ನು ನೋಡಿದ.

"ಏ, ಹೆದ್ರಬ್ಯಾಡ ಕಣಣ್ಣ. ನಾನಿಕ್ಕಿದ್ ಪಾಷಾಣ ತಿಂದು ಸತ್ತೈತೆ" ಎಂದು ಅಪ್ಪ ನಕ್ಕ.

ಬಾಗಿಲಲ್ಲಿದ್ದವರೆಲ್ಲ ಉಸಿರು ಬಿಟ್ಟರು. ದೊಡ್ಡಪ್ಪನೂ ನಕ್ಕ. "ಥೂ, ನಿನ್ನ! ಎದೆ ಒಡೆಸ್‌ಬುಟ್ಟಲ್ಲೋ! ಊರು ಬುಡೋದು ಅಂತ ಆಗ್ಲೇ ಗಾಡಿ ಹೂಡೋಕೆ ಹೊಂಟಿದ್ದೆ" ಎಂದು ಒಳಗೆ ಬಂದು ಬಗ್ಗಿದ.

ನಾನು ಅಕ್ಕನ ಮುಖ ನೋಡಿದೆ. ಅವಳ ತುಟಿ ಬಿಳಿಚಿಕೊಂಡಿತ್ತು. ಮನೆಯಲ್ಲಿ ಪಾಷಾಣವೇ ಇರಲಿಲ್ಲ ಎಂಬುದು ಆ ಗುಂಪಿನಲ್ಲಿ ನಮ್ಮಿಬ್ಬರಿಗೆ ಮಾತ್ರ ಗೊತ್ತು. ನಾನು ಬಾಯಿ ತೆರೆದೆ. ಅಕ್ಕ ನನ್ನ ತೋಳು ಹಿಡಿದು ಉಗುರು ಊರಿದಳು. ದೊಡ್ಡಪ್ಪ ಇಲಿಯನ್ನು ಬಾಲ ಹಿಡಿದು ಎತ್ತಿ, ನಮ್ಮ ಮುಂದೆ ಒಮ್ಮೆ ತೂಗಾಡಿಸಿ, ಬೇಲಿಯಾಚೆ ಎಸೆದು ಬಂದ.

ಆ ದಿನವೆಲ್ಲ ನಾನು ಸೂರಿನ ಕಡೆಗೇ ನೋಡುತ್ತಿದ್ದೆ. ಮೇಲೆ ಓಡಾಟದ ಸದ್ದು ಕಡಿಮೆಯಾಗಿತ್ತು. ಹುಳು ಮೇಯುವ ಸದ್ದು ಮಾತ್ರ ಇತ್ತು.

ಮಾರನೆಯ ಮಧ್ಯಾಹ್ನ, ಬಿಸಿಲು ಪಡಸಾಲೆಗೆ ಬಿದ್ದಿದ್ದಾಗ, ಇನ್ನೊಂದು ಇಲಿ ಗುಡಾಣದ ಹಿಂದಿನಿಂದ ಹೊರಗೆ ಬಂತು. ನಮ್ಮನ್ನು ನೋಡಿದರೂ ಓಡಲಿಲ್ಲ. ಕುಡಿದವರ ಹಾಗೆ ತೂರಾಡುತ್ತ ಇದ್ದಲ್ಲೇ ಸುತ್ತು ಹೊಡೆಯಿತು. ತಮ್ಮ ನಗುತ್ತ ಅದರ ಕಡೆಗೆ ಅಂಬೆಗಾಲಿಟ್ಟ. ಅವನ ಕೈಗೂ ಇಲಿಗೂ ಒಂದು ಗೇಣು ಉಳಿದಿತ್ತು. ಅಕ್ಕ ಅವನನ್ನು ಕಾಲು ಹಿಡಿದು ಎಳೆದಳು. ಅವನು ಚೀರಿಕೊಂಡ. ಅಪ್ಪ ಹುಳುಮನೆಯಿಂದ ಹೊರಗೆ ಬಂದ.

"ಅಪ್ಪೋ, ಉಂಡೆ ತಿಂದಿಲ್ಲ ಇಲಿ" ಎಂದೆ. "ತಿಪ್ಪೇಲಿ ಹೂತಾಕಿದೀವಿ. ಐದೂ ಅಲ್ಲೇ ಅವೆ."

ಅಪ್ಪ ಗುದ್ದಲಿ ತೆಗೆದುಕೊಂಡು ತಿಪ್ಪೆಗೆ ಹೋದ. ಕರಟ ಹೊರಗೆ ಬಂದಿತು. ಉಂಡೆಗಳ ಮೇಲೆ ಅಪ್ಪನ ಬೆರಳಚ್ಚು ಇನ್ನೂ ಹಾಗೇ ಇತ್ತು. ಅವನು ಕುಕ್ಕರುಗಾಲಿನಲ್ಲಿ ಕೂತು ಐದನ್ನೂ ಎಣಿಸಿದ. ಆಮೇಲೆ ಎದ್ದು ಬೀದಿಯ ನಡುವೆ ನಿಂತು ಕೂಗಿದ: "ಇಲಿ ಬಿದ್ದೈತೆ ಕಣ್ರಪ್ಪೋ! ನಮ್ಮನೇಲಿ ಇಲಿ ಬಿದ್ದೈತೆ! ನಂದೇ ತಪ್ಪು, ಊರು ಬುಡ್ರಪ್ಪೋ!"

ಹುಳುಗಳನ್ನು ಒಯ್ಯುವಂತಿರಲಿಲ್ಲ. ಮನೆಯಲ್ಲಿದ್ದ ಸೊಪ್ಪನ್ನೆಲ್ಲ ತಟ್ಟೆಗಳಿಗೆ ಸುರಿದು ಅಪ್ಪ ಬಾಗಿಲು ಎಳೆದುಕೊಂಡ. ಕತ್ತಲಾಗುವುದರೊಳಗೆ ಬೀದಿ ಖಾಲಿಯಾಯಿತು. ಪಾತ್ರೆ, ಕಂಬಳಿ, ಮುದುಕರು, ಮಕ್ಕಳು ಎಲ್ಲ ಗಾಡಿಗಳ ಮೇಲೆ. ಹೊಲದಲ್ಲಿ ಜೋಳದ ಕಡ್ಡಿಯ ಗುಡಿಸಲುಗಳೆದ್ದವು. ಅಪ್ಪ ನಮ್ಮಿಬ್ಬರನ್ನೂ ಹೊಡೆಯಲಿಲ್ಲ, ಬೈಯಲೂ ಇಲ್ಲ. ಅದು ಏಟಿಗಿಂತ ಕಷ್ಟವಾಗಿತ್ತು.

ಗುಡಿಸಲಿಗೆ ಹೋದ ಎರಡನೆಯ ದಿನ ದೊಡ್ಡಪ್ಪನಿಗೆ ಜ್ವರ ಬಂತು. ಕಂಕುಳಲ್ಲಿ ಪ್ಲೇಗಿನ ಗೆಡ್ಡೆ ಎದ್ದಿತ್ತು. ಅವನ ಗುಡಿಸಲಿನ ಹತ್ತಿರ ಮಕ್ಕಳನ್ನು ಬಿಡಲಿಲ್ಲ. ಐದನೆಯ ದಿನ ದೊಡ್ಡಪ್ಪ ತೀರಿಕೊಂಡ. ಆ ಇಲಿಯಿಂದಲೇ ಅವನಿಗೆ ರೋಗ ಬಂತೋ, ಬೇರೆ ಕಡೆಯಿಂದ ಬಂತೋ ನನಗೆ ತಿಳಿಯದು. ನನಗೆ ತಿಳಿದದ್ದು ಇಷ್ಟು: ಅವನು ಬಗ್ಗಿ ಬಾಲ ಹಿಡಿಯುವಾಗ ನಾನು ಎರಡು ಮಾರು ದೂರದಲ್ಲಿ ನಿಂತಿದ್ದೆ, ನನಗೆ ನಿಜ ಗೊತ್ತಿತ್ತು. ಅಕ್ಕನೂ ನಾನೂ ಮುದುಕಿಯರಾದ ಮೇಲೂ ಆ ಮಾತನ್ನು ಎತ್ತಲಿಲ್ಲ.

ಮೊಮ್ಮಕ್ಕಳೇ, ಈಗ ಇಲಿ ಬಿದ್ದಿತೆಂದು ಯಾವ ಊರೂ ಖಾಲಿಯಾಗುವುದಿಲ್ಲ. ಇಲಿ ಕಂಡರೆ ನೀವು ಮಂಚ ಹತ್ತಿ ಕೂಗಾಡಿ ನಗುತ್ತೀರಿ. ಜ್ವರ ಬಂದರೆ ಆಸ್ಪತ್ರೆಯಲ್ಲಿ ಸೂಜಿ ಚುಚ್ಚುತ್ತಾರೆ, ವಾರದಲ್ಲಿ ಶಾಲೆಗೆ ಓಡುತ್ತೀರಿ. ನಮ್ಮ ಕಾಲದಲ್ಲಿ ಅಪ್ಪನ ಎದುರು, ಅದರಲ್ಲೂ ನಾಲ್ಕು ಗಂಡಸರು ನಿಂತಿರುವಾಗ, ಹೆಣ್ಣುಮಕ್ಕಳು ತುಟಿ ಬಿಚ್ಚುವಂತಿರಲಿಲ್ಲ. ನೀವು ಹಾಗಲ್ಲ. ದೊಡ್ಡವರ ಮಾತಿನ ನಡುವೆ ನುಗ್ಗಿ, "ಅಲ್ಲ ಅಲ್ಲ, ನಾನು ನೋಡಿದೀನಿ" ಅನ್ನುತ್ತೀರಿ. ನಿಮ್ಮಮ್ಮ "ಸುಮ್ನಿರೇ" ಎಂದು ಗದರುತ್ತಾಳೆ. ಆಗ ನಾನು ಅವಳನ್ನು ತಡೆದು, ಕೈಯಲ್ಲಿರುವ ಕೆಲಸ ಬಿಟ್ಟು, "ಏನು ನೋಡಿದೆ, ಹೇಳವ್ವ" ಎಂದು ನಿಮ್ಮ ಕಡೆ ತಿರುಗಿ ಕೂರುತ್ತೇನಲ್ಲ, ಅದು ಇದಕ್ಕೇ.