ಎಡಗೈಯಲ್ಲಿ ಹಿಡಿದ ಜೋಳಿಗೆ

ಏಪ್ರಿಲ್ ತಿಂಗಳ ಒಂದು ಭಾನುವಾರ. ಟೊರಾಂಟೋದ ಎಟೋಬಿಕೋಕಿನ ಹಳೆಯ ಬಂಗಲೆಗಳ ಬೀದಿಯಲ್ಲಿ ಹಿಮವೆಲ್ಲ ಕರಗಿ, ಬೇಲಿಯ ಬುಡದಲ್ಲಿ ಮಾತ್ರ ಕಪ್ಪು ಗುಪ್ಪೆಯಾಗಿ ಉಳಿದಿತ್ತು. ಶ್ರೀಮತಿ ವಿನೋದಾ ಸಾಲ್ಯಾನ್ ಅವರ ಅಡಿಗೆಮನೆಯಲ್ಲಿ ಅನ್ನ ಮೆತ್ತಗೆ ಬೆಂದು, ಬೆಲ್ಲ, ಕಾಯಿತುರಿ, ಏಲಕ್ಕಿಗಳೊಂದಿಗೆ ಕಲೆತು, ಅಗಲ ತಟ್ಟೆಯಲ್ಲಿ ಒತ್ತಿಸಿಕೊಂಡು ತಣಿಯುತ್ತಿತ್ತು. ಪತಿ ಶೇಖರ ಅವರು ಸಿಂಕಿನ ಬಳಿ ನಿಂತು ನೀರಿನ ಬಾಟಲಿಗಳನ್ನು ತುಂಬಿಸುತ್ತಿದ್ದರು. ವಿನೋದಾ ಅನ್ನವನ್ನು ಚೌಕ ಚೌಕವಾಗಿ ಕೊಯ್ದು, ಒಂದೊಂದನ್ನೇ ಫಾಯಿಲ್ ಕಾಗದದಲ್ಲಿ ಸುತ್ತಿ, ಎರಡು ತುದಿಗಳನ್ನೂ ಹೆಬ್ಬೆರಳಿನಿಂದ ಒಳಕ್ಕೆ ಒತ್ತುತ್ತಿದ್ದರು. ಮೇಜಿನ ಮೇಲಿದ್ದ ಫೋನಿನಿಂದ ಸೈಕಲ್ ಸಂಘದ ತರಬೇತುದಾರ ರಾಮಮೂರ್ತಿಯವರ ಮೈಸೂರು ದನಿ ಬರುತ್ತಿತ್ತು.

"ಇವತ್ತಿನ ಓಟದ ಲಿಸ್ಟು ನೋಡ್ದೆ ಕಣಮ್ಮಾ. ಸುಮುಖ್ ಹೆಸರಿದೆ."

"ಯಾವ ಸುಮುಖ್ ಸರ್?"

"ಎಷ್ಟು ಜನ ಸುಮುಖರಿದಾರೆ ನಮಗೆ? ಸ್ಟೌಫ್‌ವಿಲ್ ನೀರಜಾ ಮಗ."

ಶೇಖರ ಅವರು ನಲ್ಲಿ ನಿಲ್ಲಿಸಿದರು. ವಿನೋದಾ ಅವರ ಕೈಯಲ್ಲಿದ್ದ ಪೊಟ್ಟಣ ಅರ್ಧ ಸುತ್ತಿದಂತೆಯೇ ಉಳಿಯಿತು.

"ಬರ್ಲಿ ಸರ್," ಎಂದರು ಕೊನೆಗೆ. "ರೋಡಿನ ಯಾವ ಬದಿಗೆ ನಿಲ್ಲುದು ನಾನು, ಅದನ್ನು ಹೇಳಿ."

ಈ ಒಂದು ಪ್ರಶ್ನೆಯ ಹಿಂದೆ ಏನಿದೆ ಎಂಬುದನ್ನು ಬಲ್ಲವರಿಗೆ, ಈ ಅಭಿನಂದನ ಸಂಪುಟದಲ್ಲಿ ನಾವು ಗೌರವಿಸಲು ಹೊರಟಿರುವ ವ್ಯಕ್ತಿ ಎಂಥವರೆಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಯೂರೋಪಿನ ಏಕದಿನ ಸೈಕಲ್ ಓಟಗಳು ವಾರಗಟ್ಟಲೆ ನಡೆಯುವ ದೊಡ್ಡ ಯಾತ್ರೆಗಳಂತಲ್ಲ. ಬೆಳಿಗ್ಗೆ ಹೊರಟು ಸಂಜೆಯೊಳಗೆ ಮುಗಿಯುವ ಈ ಓಟಗಳಲ್ಲಿ ಇವತ್ತು ಕೆಟ್ಟದ್ದನ್ನು ನಾಳೆ ಸರಿಪಡಿಸಿಕೊಳ್ಳುತ್ತೇನೆಂಬ ಮಾತಿಲ್ಲ. ಕಲ್ಲು ಹಾಸಿದ ಹಳೆಯ ಹೊಲದ ದಾರಿ, ಗೋಡೆಯಂತೆ ಎದ್ದು ನಿಲ್ಲುವ ಗಿಡ್ಡ ಏರುಗಳು, ಪಕ್ಕದಿಂದ ಬೀಸುವ ಗಾಳಿ, ಕೆಸರು, ಇವೆಲ್ಲವನ್ನೂ ಒಂದೇ ಹಗಲಿನಲ್ಲಿ ದಾಟಬೇಕು. ಸವಾರನಿಗೆ ಇಳಿದು ಉಣ್ಣಲು ಪುರುಸೊತ್ತಿಲ್ಲ. ಗೊತ್ತುಮಾಡಿದ ಜಾಗದಲ್ಲಿ ರಸ್ತೆಯ ಅಂಚಿಗೆ ನಿಂತವರು ಉದ್ದ ಪಟ್ಟಿಯ ತೆಳು ಬಟ್ಟೆಚೀಲವನ್ನು ಚಾಚಿ ಹಿಡಿಯುತ್ತಾರೆ. ಸವಾರ ಸೈಕಲ್ ಓಡಿಸುತ್ತಲೇ ಅದನ್ನು ಕಸಿದುಕೊಂಡು ಹೆಗಲಿಗೆ ಹಾಕಿಕೊಂಡು ಹೋಗುತ್ತಾನೆ. ನಮ್ಮ ಸಂಘದವರು ಆ ಚೀಲಕ್ಕೆ ಜೋಳಿಗೆ ಎಂದೇ ಹೇಳುವುದು. ಅದನ್ನು ತುಂಬಿ ಹಿಡಿಯುವ, ಓಟ ಮುಗಿದ ಮೇಲೆ ಕಾಲು ನೀವುವ, ಕೆಸರು ಬಟ್ಟೆ ಒಗೆಯುವ ಜನಕ್ಕೆ ಫ್ರೆಂಚರು ಸ್ವಾನ್ಯೂರ್ ಎನ್ನುತ್ತಾರೆ, ಅಂದರೆ ಆರೈಕೆಯವರು. ನಾಟಿಯ ದಿನ ಗದ್ದೆಯಲ್ಲಿ ಎಷ್ಟೇ ಆಳುಗಳಿರಲಿ, ಬದುವಿಗೆ ಗಂಜಿ ಹೊತ್ತು ತರುವವರು ತಡಮಾಡಿದರೆ ಸಾಲು ಸೊಟ್ಟಗಾಗುತ್ತದೆ. ವಿನೋದಾ ಅವರು ಈ ಮಹಾನಗರದ ಸೈಕಲ್ ಲೋಕದಲ್ಲಿ ಇಷ್ಟು ವರ್ಷ ಗಂಜಿ ಹೊತ್ತವರು.

ಕಾರ್ಕಳದ ಸಮೀಪದ ಬೀಡಿ ಕಟ್ಟುವ ಮನೆಯಲ್ಲಿ ಹುಟ್ಟಿದ ಅವರು ಶಾಲೆಯಿಂದ ಬಂದೊಡನೆ ತಾಯಿಯ ಪಕ್ಕ ಮೊರ ಹಿಡಿದು ಕೂರುತ್ತಿದ್ದರಂತೆ. ಎಲೆ ಕತ್ತರಿಸಿ, ಸುರುಳಿ ಸುತ್ತಿ, ಬಾಯಿ ಮಡಚುವ ಕೆಲಸ. ಆ ಮಡಿಕೆ ಅವರ ಬೆರಳನ್ನು ಬಿಟ್ಟು ಹೋಗಲಿಲ್ಲ. ಮದುವೆಯಾಗಿ ಕೆನಡಾಕ್ಕೆ ಬಂದು, ಶೇಖರ ಅವರು ಪಕ್ಕದ ವಾನ್ ಊರಿನ ಗೋದಾಮಿನಲ್ಲಿ ಕೆಲಸಕ್ಕೆ ನಿಂತರೆ, ಇವರು ಅಂಗಮರ್ದನದ ಶಿಕ್ಷಣ ಪಡೆದು ಎಟೋಬಿಕೋಕಿನ ಒಂದು ಚಿಕಿತ್ಸಾಲಯಕ್ಕೆ ಸೇರಿದರು. ಅಲ್ಲಿಗೆ ಮೊಣಕಾಲು ನೋವೆಂದು ಬಂದ ರಾಮಮೂರ್ತಿಯವರು ನೋವಿನ ಜೊತೆಗೆ ಸಂಘದ ಹತ್ತು ಹುಡುಗರನ್ನೂ ಇವರ ಮೇಲೆ ಹೊರಿಸಿ ಹೋದರು ಎಂಬುದು ನಮ್ಮಲ್ಲಿ ಈಗಲೂ ನಡೆಯುವ ತಮಾಷೆ.

ಸಂಘವು ಪ್ರತಿ ವಸಂತದಲ್ಲಿ ಕಿರಿಯ ಸವಾರರ ಒಂದು ತಂಡವನ್ನು ಬೆಲ್ಜಿಯಮ್ಮಿನ ಫ್ಲಾಂಡರ್ಸ್ ಸೀಮೆಗೆ ಕಳುಹಿಸುತ್ತದೆ. ಮೊದಲ ಸಲ ವಿನೋದಾ ಬೆಲ್ಲದ ಅನ್ನದ ಮಾತೆತ್ತಿದಾಗ ರಾಮಮೂರ್ತಿಯವರು ಹೌಹಾರಿದ್ದರು.

"ಅಲ್ಲಮ್ಮಾ, ಯೂರೋಪಿಗೆ ಹೋಗಿ ಪೊಂಗಲ್ ಹಂಚ್ತೀರಾ?"

"ಪೊಂಗಲ್ ಅಲ್ಲ ಸರ್. ಹಸಿವೆಗೆ ಯೂರೋಪು ಗೊತ್ತುಂಟಾ?"

ಅಲ್ಲಿಗೆ ಹೋಗಿ ನೋಡಿದರೆ ಅಕ್ಕಪಕ್ಕದ ತಂಡದವರೂ ಅನ್ನವನ್ನೇ ಒತ್ತಿ ತುಂಡು ಮಾಡಿ ಕಟ್ಟುತ್ತಿದ್ದರು. ರಾಮಮೂರ್ತಿಯವರು ಅಂದಿನಿಂದ ಅಡಿಗೆಯ ವಿಷಯದಲ್ಲಿ ಬಾಯಿ ಹಾಕಲಿಲ್ಲ. ತಂಡ ಉಳಿದುಕೊಳ್ಳುತ್ತಿದ್ದುದು ಬಾಡಿಗೆಗೆ ಹಿಡಿದ ಇಟ್ಟಿಗೆಯ ಹೊಲಮನೆಯಲ್ಲಿ. ಮಗ್ಗುಲಲ್ಲೇ ಹಟ್ಟಿ, ಹುಡುಗರು ಸಗಣಿಯ ವಾಸನೆಗೆ ಮೂಗು ಮುಚ್ಚಿಕೊಂಡರೆ ವಿನೋದಾ ಅವರಿಗೆ ಅಲ್ಲೇ ನಿದ್ದೆ ಚೆನ್ನಾಗಿ ಬರುತ್ತಿತ್ತು. ಹಟ್ಟಿ ತೊಳೆಯುವ ಪೈಪಿನಲ್ಲಿಯೇ ಹುಡುಗರ ಬಟ್ಟೆಯ ಕೆಸರು ಬಿಡಿಸಿ, ಜೀರಿಗೆ ಶುಂಠಿಯ ಕಷಾಯ ಕುದಿಸಿ, ಬಿದ್ದು ಮೈ ತರಚಿಕೊಂಡವನ ಗಾಯ ತೊಳೆಯುತ್ತಾ "ಅಳುದಾದ್ರೆ ಈಗ ಅಳು, ನಾಳೆ ಬೆಳಿಗ್ಗೆ ಪುನಃ ಸೈಕಲ್ ಉಂಟು" ಎಂದು ಹೇಳುವುದನ್ನು ಕೇಳಿದವರು ಇಂದು ಈ ಊರಿನಲ್ಲಿ ತಂದೆತಾಯಿಗಳಾಗಿದ್ದಾರೆ.

ಸುಮುಖ್ ಅಲ್ಲಿಗೆ ಬಂದದ್ದು ಇಪ್ಪತ್ತೆರಡರ ವಯಸ್ಸಿನಲ್ಲಿ. ಇಪ್ಪತ್ತಮೂರು ವರ್ಷದೊಳಗಿನ ಕಿರಿಯರ ವರ್ಗದಲ್ಲಿ ಅವನಿಗದು ಕೊನೆಯ ವರ್ಷ. ಒಂದು ವೃತ್ತಿಪರ ತಂಡದವರು ಅವನನ್ನು ನೋಡಲೆಂದೇ ಓಟಕ್ಕೆ ಬರುವವರಿದ್ದರು. ಆ ದಿನ ಬಲಬದಿಯಲ್ಲಿ ರಸ್ತೆ ಅಗೆದಿದ್ದರಿಂದ ಊಟ ಕೊಡುವ ಜಾಗವನ್ನು ಎಡಬದಿಗೆ ಮಾಡಿದ್ದರು. ಯಾವಾಗಲೂ ಬಲಬದಿಗೆ ನಿಂತು, ಬರುವವರಿಗೆ ಎದುರಾಗಿ ಬಲಗೈ ಚಾಚುತ್ತಿದ್ದ ವಿನೋದಾ, ಅಂದು ಎಡಬದಿಗೆ ನಿಂತಾಗ ರಸ್ತೆಯ ಕಡೆಗಿದ್ದದ್ದು ಎಡಗೈ. ಎಡಗೈ ಚಾಚಿದ್ದರೆ ಮುಗಿಯುತ್ತಿತ್ತು. ಆದರೆ ಹಸಿದು ಬರುವ ಮಗುವಿಗೆ ಅನ್ನವನ್ನು ಎಡಗೈಯಲ್ಲಿ ಕೊಡಲು ಆ ಕೈ ಏಳಲಿಲ್ಲ. ಸುಮುಖ್ ಮುಂಚೂಣಿಯ ಗುಂಪಿನಲ್ಲಿ ಬರುತ್ತಿದ್ದಂತೆ, ಯೋಚಿಸುವ ಮೊದಲೇ ಅವರ ಬಲಗೈ ಎದೆಯನ್ನು ದಾಟಿ ಅಡ್ಡಲಾಗಿ ಚಾಚಿತು. ಮೊಳದಷ್ಟು ಕಡಿಮೆಯಾಯಿತು. ಅವನ ಬೆರಳು ಪಟ್ಟಿಗೆ ತಾಗಿತು, ಹಿಡಿಯಲಿಲ್ಲ. ಜೋಳಿಗೆ ರಸ್ತೆಗೆ ಬಿದ್ದು, ಹಿಂದಿನಿಂದ ಬಂದ ಚಕ್ರಗಳ ಕೆಳಗೆ ಬೆಲ್ಲದ ಅನ್ನ ಕಲ್ಲಿಗೆ ಅಂಟಿತು.

ಕೊನೆಯ ಏರಿನಲ್ಲಿ ಸುಮುಖನ ಕಾಲುಗಳು ನಿಂತುಹೋದವು. ನೋಡಲು ಬಂದಿದ್ದವರು ಬೇರೆಯವನ ಹೆಸರು ಬರೆದುಕೊಂಡು ಹೋದರು.

ಆ ಸಂಜೆ ಊಟದ ಮೇಜಿನಲ್ಲಿ ಎಲ್ಲರೂ ತಟ್ಟೆ ನೋಡುತ್ತಾ ಕುಳಿತಿದ್ದಾಗ ವಿನೋದಾ ಎದ್ದು ನಿಂತು, "ಇದು ನಂದು ತಪ್ಪು. ಕೈ ತಪ್ಪು ಚಾಚಿದ್ದು ನಾನು," ಎಂದರು. ಸುಮುಖ್ ತಲೆ ಎತ್ತಲಿಲ್ಲ. ಟೊರಾಂಟೋಗೆ ಮರಳಿದ ವಾರದಲ್ಲಿ ಅವನ ತಾಯಿ ನೀರಜಾ ಫೋನು ಮಾಡಿ, "ಒಂದು ಚೀಲ ಹಿಡಿಯೋಕೆ ಆಗ್ಲಿಲ್ವಾ ವಿನೋದಾ ನಿಂಗೆ?" ಎಂದಷ್ಟೇ ಕೇಳಿ ಇಟ್ಟರು. ಹುಡುಗ ಸೈಕಲ್ ಬಿಟ್ಟು ಆಂಬ್ಯುಲೆನ್ಸಿನ ಕೆಲಸ ಕಲಿತನು. ರಾಜ್ಯೋತ್ಸವದ ಸಭೆಗಳಲ್ಲಿ ಎದುರಾದರೆ ದೂರದಿಂದಲೇ ತಲೆಯಾಡಿಸಿ ಗುಂಪಿನಲ್ಲಿ ಕರಗಿಹೋಗುತ್ತಿದ್ದನು.

ಬೇರೆಯವರಾಗಿದ್ದರೆ ಅಲ್ಲಿಗೆ ಕೈಮುಗಿದು ಕೆಲಸ ಬಿಡುತ್ತಿದ್ದರೇನೋ. ವಿನೋದಾ ಬಿಡಲಿಲ್ಲ. ಆ ಬೇಸಿಗೆಯ ಭಾನುವಾರಗಳಲ್ಲಿ, ಬಾಗಿಲು ಹಾಕಿದ ಕಾರ್ಖಾನೆಯೊಂದರ ಪಾರ್ಕಿಂಗ್ ಜಾಗದಲ್ಲಿ, ಶೇಖರ ಅವರನ್ನು ಹಳೆಯ ಸೈಕಲ್ಲಿನ ಮೇಲೆ ಓಡಿಸಿ ಎಡಗೈಯಲ್ಲಿ ಜೋಳಿಗೆ ಕೊಡುವುದನ್ನು ಕಲಿತರು.

"ನನಗೆ ಉಸಿರು ಹೋಗ್ತಾ ಉಂಟು ಮಾರಾಯ್ತಿ."

"ಇನ್ನೊಂದು ರೌಂಡ್. ಮತ್ತೆ ಬಿರಿಯಾನಿ ಮಾಡಿಕೊಡ್ತೇನೆ."

ಎಡಗೈ ಕಲಿಯಿತು, ಮನಸ್ಸು ಒಪ್ಪಲಿಲ್ಲ. ಎಡಗೈಯಲ್ಲಿ ಕೊಡಲೇಬೇಕಾದಾಗ ಬಲ ಅಂಗೈಯನ್ನು ಎಡ ಮೊಣಕೈಗೆ ತಾಗಿಸಿಕೊಂಡೇ ಕೊಟ್ಟರು. ಎರಡೂ ಕೈಯಲ್ಲಿ ಕೊಟ್ಟ ಹಾಗಾಯಿತು. ನಮ್ಮ ಸಂಘದಲ್ಲಿ ಅವರಿಂದ ಕೆಲಸ ಕಲಿತ ಶ್ರೇಯಾ, ಇದು ಕೈ ಅಲುಗದಂತೆ ಆನಿಸಿಕೊಳ್ಳುವ ಉಪಾಯವೆಂದೇ ಬಹುಕಾಲ ತಿಳಿದಿದ್ದಳು. ಈಗ ಅವಳೂ ಹಾಗೆಯೇ ಹಿಡಿಯುತ್ತಾಳೆ. ಇನ್ನೊಂದು ಪದ್ಧತಿಯೂ ಆಗಿನಿಂದಲೇ ಬಂತು. ಪ್ರತಿ ಓಟಕ್ಕೂ ವಿನೋದಾ ಲೆಕ್ಕಕ್ಕಿಂತ ಒಂದು ಪೊಟ್ಟಣ ಹೆಚ್ಚು ಕಟ್ಟಿ ಕೋಟಿನ ಜೇಬಿನಲ್ಲಿ ಇಟ್ಟುಕೊಳ್ಳುತ್ತಿದ್ದರು. ಯಾರಿಗೂ ಕೊಡುತ್ತಿರಲಿಲ್ಲ. ಮನೆಗೆ ಮರಳುವ ದಾರಿಯಲ್ಲಿ, ಕಾರಿನಲ್ಲಿ, ಶೇಖರ ಅವರು ಅದನ್ನು ತಿನ್ನುತ್ತಿದ್ದರು. ಯಾರದೆಂದು ಅವರು ಕೇಳಲಿಲ್ಲ, ಇವರು ಹೇಳಲಿಲ್ಲ.

ಮೇಲೆ ಹೇಳಿದ ಏಪ್ರಿಲ್ ಭಾನುವಾರ ವಿನೋದಾ ಅವರ ಸೇವೆಯ ಕೊನೆಯ ಓಟ. ಯೂರೋಪಿನ ಏಕದಿನ ಓಟಗಳ ಮಾದರಿಯಲ್ಲಿ ನಮ್ಮ ಸಂಘವೇ ಸ್ಟೌಫ್‌ವಿಲ್ಲಿನ ಉತ್ತರಕ್ಕಿರುವ ಹೊಲಗಳ ನಡುವೆ ನಡೆಸುವ ಕೆಸರಿನ ಓಟ ಅದು. ಉಳುಮೆಗೆ ಇನ್ನೂ ಹದ ಬಂದಿರದ ಕಪ್ಪು ಮಣ್ಣು, ಜಲ್ಲಿಯ ದಾರಿ, ಹಿಮದ ನೀರು ತುಂಬಿದ ಚರಂಡಿ. ಚರಂಡಿ ಬಲಕ್ಕಿದ್ದುದರಿಂದ ರಾಮಮೂರ್ತಿಯವರು ಊಟದ ಜಾಗವನ್ನು ಎಡಕ್ಕೆ ಇಟ್ಟಿದ್ದರು. ವಿನೋದಾ ಒಂದು ತೋಟದ ಗೇಟಿನ ಬಳಿ ನಿಂತರು.

ಮುಂಚೂಣಿಯವರು ಜೋಳಿಗೆ ಕಸಿದುಕೊಂಡು ಹೋದರು. ಎರಡನೆಯ ಗುಂಪಿನ ನಡುವೆ ಸುಮುಖ್ ಕಂಡನು. ಗಡ್ಡ ಬಂದಿತ್ತು, ಮೈ ತುಂಬಿತ್ತು; ಹೆಗಲು ತೂಗುವ ರೀತಿ ಮಾತ್ರ ಹಳೆಯದೇ. ವಿನೋದಾ ಎಡಗೈ ಚಾಚಿದರು, ಬಲ ಅಂಗೈಯನ್ನು ಮೊಣಕೈಗೆ ಇಟ್ಟರು. ಈ ಸಲ ಒಂದು ಬೆರಳಿನಷ್ಟೂ ಕಡಿಮೆಯಾಗಿರಲಿಲ್ಲ.

ಸುಮುಖ್ ಬ್ರೇಕ್ ಹಿಡಿದು ಕಾಲನ್ನು ಕೆಸರಿಗೆ ಊರಿದನು. ಓಟದಲ್ಲಿ ಯಾರೂ ಮಾಡದ ಕೆಲಸ. ಹಿಂದಿನವರು ಬೈಯುತ್ತಾ ಸುತ್ತುಹಾಕಿ ಹೋದರು.

"ನಿಲ್ಲಬೇಡ, ಹೋಗು ಹೋಗು. ಗುಂಪು ಹೋಯ್ತು."

"ಹೋಗ್ಲಿ ಬಿಡಿ ಆಂಟಿ. ಐ ಆಮ್ ಹಂಗ್ರಿ."

ಜೋಳಿಗೆಯಿಂದ ಪೊಟ್ಟಣ ತೆಗೆದು, ಮಡಿಕೆಯ ತುದಿಯನ್ನು ಹಲ್ಲಿನಿಂದ ಒಂದೇ ಸಲ ಎಳೆದು ತೆರೆದನು. ಅದನ್ನವನು ಮರೆತಿರಲಿಲ್ಲ.

"ಅವತ್ತು ನಿನಗೆ ಊಟ ತಪ್ಪಿಸಿದ್ದು ನಾನು," ಎಂದರು ವಿನೋದಾ.

"ಜೇಬಲ್ಲಿ ಎರಡು ಎನರ್ಜಿ ಬಾರ್ ಇತ್ತು ಆಂಟಿ. ತಿಂದಿದ್ದೆ. ಲೆಗ್ಸಲ್ಲಿ ಶಕ್ತಿ ಇರ್ಲಿಲ್ಲ, ದಟ್ಸ್ ಆಲ್."

"ನನ್ನನ್ನು ಸಮಾಧಾನ ಮಾಡ್ಲಿಕ್ಕೆ ಸುಳ್ಳು ಹೇಳ್ಬೇಡ."

"ಸುಳ್ಳಲ್ಲ." ಅವನು ಬಾಯಲ್ಲಿದ್ದುದನ್ನು ನುಂಗಿ ಹೊಲದ ಕಡೆ ನೋಡಿದನು. "ನೀವು ಎಲ್ಲರ ಮುಂದೆ ಎದ್ದು ನಿಂತು ಬ್ಲೇಮ್ ತಗೊಂಡ್ರಿ. ನಾನು ಸುಮ್ನೆ ಕೂತಿದ್ದೆ. ಅಮ್ಮ ಕೇಳ್ದಾಗ್ಲೂ ಸುಮ್ನಿದ್ದೆ. ಇಟ್ ವಾಸ್ ಈಸಿಯರ್. ಆಮೇಲೆ ನಿಮ್ಮ ಮುಖ ನೋಡೋಕೆ ಆಗ್ಲಿಲ್ಲ."

"ಅಮ್ಮನಿಗೆ?"

"ನಿನ್ನೆ ಹೇಳ್ದೆ. ಫಿನಿಶಲ್ಲಿ ಇದಾರೆ. ನಿಮಗೆ ಕಾಯ್ತಿದಾರೆ."

ಬಿದ್ದ ಜೋಳಿಗೆಯನ್ನು ಇಷ್ಟು ವರ್ಷ ಹೊತ್ತು ತಂದದ್ದು ತಾವೊಬ್ಬರೇ ಎಂದು ವಿನೋದಾ ತಿಳಿದಿದ್ದರು. ಅದರ ಪಟ್ಟಿಯ ಇನ್ನೊಂದು ತುದಿಯನ್ನು ಈ ಹುಡುಗನೂ ಹಿಡಿದುಕೊಂಡೇ ಇದ್ದ.

"ಇನ್ನೊಂದು ಇದ್ಯಾ ಆಂಟಿ?"

ಅವರು ಕೋಟಿನ ಜೇಬಿಗೆ ಕೈಹಾಕಿ ಹೆಚ್ಚಿನ ಪೊಟ್ಟಣವನ್ನು ತೆಗೆದರು. ಸವಾರ ನಿಂತಿದ್ದನು, ಅವಸರವಿರಲಿಲ್ಲ. ಬಲಗೈಯಲ್ಲಿ ಕೊಟ್ಟರು.

ಸುಮುಖ್ ಅಂದು ಎಷ್ಟನೆಯವನಾಗಿ ಮುಗಿಸಿದನೆಂಬುದನ್ನು ಯಾರೂ ಕೇಳಲಿಲ್ಲ. ಮುಕ್ತಾಯದ ಗೆರೆಯ ಬಳಿ ನೀರಜಾ ಅವರೂ ವಿನೋದಾ ಅವರೂ ಬಹಳ ಹೊತ್ತು ಕಾರಿನೊಳಗೆ ಕುಳಿತಿದ್ದರು. ಏನು ಮಾತಾಡಿದರೆಂಬುದು ಅವರಿಬ್ಬರ ವಿಷಯ. ಇಳಿಯುವಾಗ ಇಬ್ಬರ ಮೂಗೂ ಕೆಂಪಾಗಿತ್ತು, ಗಾಳಿಯೂ ಜೋರಾಗಿತ್ತು ಎನ್ನಿ.

ಇಂಥ ಒಬ್ಬರು ನಮ್ಮ ನಡುವೆ ಕೈ ಸವೆಸಿ, ನಮ್ಮ ಮಕ್ಕಳ ಹಸಿವೆಯನ್ನು ತಮ್ಮ ಹಸಿವೆಯೆಂದು ತಿಳಿದು ದುಡಿದದ್ದಕ್ಕೆ ಸಂಘವು ಈ ಸಂಪುಟದಿಂದ ಸಲ್ಲಿಸುತ್ತಿರುವುದು ಅತಿ ಸಣ್ಣ ಗೌರವ. ಅವರ ಕೈಗೆ ವಿಶ್ರಾಂತಿ ದೊರೆಯಲಿ ಎಂದು ಹರಸಬೇಕಾದ ಸಂದರ್ಭ ಇದು. ಆದರೆ ಮುಂದಿನ ವಸಂತದಲ್ಲಿ ಫ್ಲಾಂಡರ್ಸಿಗೆ ಹೊರಡುವ ತಂಡಕ್ಕೆ ಅನ್ನ ಒತ್ತುವುದನ್ನು ಕಲಿಸಲು ಶ್ರೇಯಾ ಆಗಲೇ ಅವರ ಶನಿವಾರಗಳನ್ನು ಹಿಡಿದಿಟ್ಟಿದ್ದಾಳೆ. ಆದ್ದರಿಂದ ಇಷ್ಟು ಮಾತ್ರ ಬೇಡುತ್ತೇವೆ: ಆ ಬೆರಳುಗಳಲ್ಲಿ ಕಸುವು, ಆ ಒಲೆಯಲ್ಲಿ ಬೆಂಕಿ, ಆ ಮನೆಯಲ್ಲಿ ನಗು ಬಹುಕಾಲ ಇರಲಿ, ಶ್ರೀಮತಿ ವಿನೋದಾ ಸಾಲ್ಯಾನ್ ಅವರು ನೂರು ವಸಂತಗಳ ಕೆಸರು ಕಾಣಲಿ.

ಒಂದು ಬಾಕಿ ಮಾತ್ರ ಉಳಿದಿದೆ. ಆ ಸಂಜೆ ಮನೆಗೆ ಮರಳುವಾಗ ಶೇಖರ ಅವರು ಅಭ್ಯಾಸಬಲದಿಂದ ಸ್ಟಿಯರಿಂಗಿನಿಂದ ಒಂದು ಕೈ ತೆಗೆದು ಹೆಂಡತಿಯತ್ತ ಚಾಚಿದರು.

"ಎಲ್ಲಿ ನಂದು?"

"ಇಲ್ಲ. ಅದರ ಜನ ಬಂದು ತಕೊಂಡು ಹೋದ್ರು."

ಅವರು ಕೈಯನ್ನು ಹಿಂದಕ್ಕೆ ತೆಗೆದುಕೊಂಡರು. ಸ್ವಲ್ಪ ದೂರ ಹೋದ ಮೇಲೆ, "ಹಾಗಾದರೆ ನನಗೆ ಆ ಬಿರಿಯಾನಿ ಉಂಟಲ್ಲ, ಪಾರ್ಕಿಂಗ್ ಲಾಟಲ್ಲಿ ಮಾಡಿಕೊಡ್ತೇನೆ ಅಂದದ್ದು, ಅದನ್ನಾದರೂ ಕೊಡು," ಎಂದರು.