ಆದಿವಾಲದ ಪಾಲಯ್ಯ ಮಡಚಿದ ಛತ್ರಿಗಳು

ಬೆಳಕು ಈಗಷ್ಟೇ ಹರಿಯುತ್ತಿದೆ. ಹಿರಿಯೂರು ದಾಟಿ ಬೆಂಗಳೂರಿನ ದಿಕ್ಕಿಗೆ ಹೊರಟರೆ ಸಿಗುವ ಆದಿವಾಲದಲ್ಲಿ, ಹೆದ್ದಾರಿ ಪಕ್ಕದ ತಗಡಿನ ಶೆಡ್ಡಿನ ಮುಂದೆ, ಗುಡಿಸಿ ಹಸನು ಮಾಡಿದ ನೆಲದ ಮೇಲೆ ಲಾರಿಯೊಂದರ ಟಾರ್ಪಾಲು ಉದ್ದಗಲಕ್ಕೂ ಹರಡಿಕೊಂಡಿದೆ. ಅದರ ನಡುವೆ ಮಂಡಿಯೂರಿ ಕುಳಿತ ಪಾಲಯ್ಯ ಅಂಗೈಯಿಂದ ಬಟ್ಟೆ ಸವರುತ್ತಿದ್ದಾರೆ. ಕಣ್ಣು ಬಟ್ಟೆಯ ಮೇಲಿಲ್ಲ, ರಸ್ತೆಯ ಕಡೆಗಿದೆ. ಹರಕು ಸಿಕ್ಕಲ್ಲಿ ಕೈ ತಾನಾಗಿ ನಿಲ್ಲುತ್ತದೆ. ಸೀಮೆಸುಣ್ಣದಲ್ಲಿ ಒಂದು ಗುರುತು, ಮತ್ತೆ ಕೈ ಮುಂದಕ್ಕೆ. ಮಂಡಿ ಎತ್ತಿ ಪಕ್ಕಕ್ಕೆ ಇಡುವಾಗ ಮಾತ್ರ ಬಾಯಿಂದ ಸಣ್ಣದೊಂದು ನರಳಿಕೆ ಹೊರಡುತ್ತದೆ. ಅದು ಅವರಿಗೇ ಕೇಳಿಸಿದಂತಿಲ್ಲ.

ಹೊಲಿಗೆ ಮುಗಿದು, ಟಾರ್ಪಾಲು ಮಡಚಿ, ಹಗ್ಗ ಕಟ್ಟುವ ಹೊತ್ತಿಗೆ ಬಿಸಿಲು ಏರಿದೆ. ಹೊಸದುರ್ಗಕ್ಕೆ ಕೊಬ್ಬರಿ ತುಂಬಲು ಹೊರಟಿರುವ ಲಾರಿಯ ಚಾಲಕ ಮಂಜಣ್ಣ ಗಂಟನ್ನು ಎತ್ತಿಕೊಳ್ಳಲು ಬಗ್ಗುತ್ತಾರೆ. ಪಾಲಯ್ಯ ಕೈ ಅಡ್ಡ ಹಿಡಿಯುತ್ತಾರೆ. ಶೆಡ್ಡಿನ ಗೋಡೆಯಲ್ಲಿ ಒಂದು ಹಲಗೆ ಇದೆ. ಅದರ ಮೇಲೆ ಕತ್ತರಿ, ಸುತ್ತಿಗೆ, ದಬ್ಬಳಗಳ ಆಕಾರವನ್ನು ಬಣ್ಣದಲ್ಲಿ ಬರೆದಿದ್ದಾರೆ. ಪ್ರತಿ ಸಾಮಾನೂ ತನ್ನ ಆಕಾರದ ಮೇಲೆಯೇ ಕೂರಬೇಕು. ಈಗ ಒಂದು ದಬ್ಬಳದ ಜಾಗ ಖಾಲಿ.

"ತಡಿಯಪ್ಪ, ಒಂದು ದಬ್ಬಳ ಕಾಣವಲ್ದು."

"ದಬ್ಬಳ ತಾನೆ ಪಾಲಣ್ಣ? ಹಿರಿಯೂರಾಗೆ ಡಜನ್ ತಂದ್ಕೊಡ್ತೀನಿ, ಬಿಡು."

"ಡಜನ್ ತಂದ್ರೂ ಇದು ಎಲ್ಲೈತೆ ಅಂತ ಗೊತ್ತಾಗಲ್ವಲ್ಲ."

ಕಟ್ಟಿದ ಹಗ್ಗ ಬಿಚ್ಚುತ್ತದೆ. ಟಾರ್ಪಾಲು ಮಡಿಕೆ ಮಡಿಕೆಯಾಗಿ ಮತ್ತೆ ನೆಲಕ್ಕೆ ಹರಡಿಕೊಳ್ಳುತ್ತದೆ. ದಬ್ಬಳ ಕೊನೆಗೆ ಸಿಗುವುದು ಪಾಲಯ್ಯನವರ ಅಂಗಿಯ ಕಾಲರಿನಲ್ಲಿ. ಮಂಜಣ್ಣ ನಗುವುದಿಲ್ಲ, ಬೀಡಿ ಹಚ್ಚುತ್ತಾರೆ. "ನಿನ್ನ ಕೈಗೆ ಟಾರ್ಪಾಲ್ ಕೊಟ್ಟೆ ನೋಡು, ಲಾರಿ ಬದ್ಲು ವಿಮಾನಕ್ಕೆ ಕಟ್ಟಿ ಕಳಿಸ್ತೀಯ," ಎನ್ನುತ್ತಾರೆ.

ಮಂಜಣ್ಣನ ಕುಹಕದಲ್ಲಿ ಸುಳ್ಳೇನೂ ಇಲ್ಲ. ಅರವತ್ತೆರಡು ದಾಟಿದ ಪಾಲಯ್ಯ ನೌಕಾಪಡೆಯ ವಿಮಾನ ವಿಭಾಗದಲ್ಲಿ ಪ್ಯಾರಾಚೂಟ್ ಮಡಚುತ್ತಿದ್ದವರು. ಅವರ ಬಾಯಲ್ಲಿ ಅದು ಇವತ್ತಿಗೂ 'ಛತ್ರಿ'. ಮುಂದೆ ಹಡಗುಗಳ ಕಪ್ತಾನರಾದ, ಕಮೋಡೋರ್ ಆದ, ಅಡ್ಮಿರಲ್ ಆದ ಎಷ್ಟೋ ಪೈಲಟ್‌ಗಳು ತಮ್ಮ ಎಳೆಯ ವಯಸ್ಸಿನಲ್ಲಿ ಇವರು ಮಡಚಿಟ್ಟ ಛತ್ರಿಯ ಮೇಲೆ ಬೆನ್ನು ಆನಿಸಿ ಸಮುದ್ರದ ಮೇಲೆ ಹಾರಿದ್ದಾರೆ.

ಊರು ಹೊಸದುರ್ಗ ತಾಲ್ಲೂಕಿನ ಮತ್ತೋಡು. ಕುರಿ ಕಾಯುವ ಮನೆತನ. ಮಳೆಗಾಲದಲ್ಲಿ ಕಂಬಳಿಯನ್ನು ತಲೆಯ ಮೇಲಿಂದ ಕೊಪ್ಪೆ ಹಾಕುವಾಗ ನೀರು ಬೆನ್ನಿಗೆ ಇಳಿಯದೆ ಜಾರಿ ಹೋಗುವಂತೆ ಮಡಚುವುದನ್ನು ಅಪ್ಪ ಕಲಿಸಿದ್ದರು. ಹತ್ತೊಂಬತ್ತರ ವಯಸ್ಸಿನಲ್ಲಿ ಚಿತ್ರದುರ್ಗದಲ್ಲಿ ನಡೆದ ಭರ್ತಿಯಲ್ಲಿ ಆಯ್ಕೆಯಾದ ಪಾಲಯ್ಯ ಅಲ್ಲಿಯ ತನಕ ಸಮುದ್ರವನ್ನು ಕಂಡವರಲ್ಲ. "ವಾಣಿವಿಲಾಸ ಡ್ಯಾಮೇ ಸಮುದ್ರ ಅಂದ್ಕಂಡಿದ್ದೆ," ಎನ್ನುತ್ತಾರೆ. ತರಬೇತಿ ಮುಗಿಸಿ ಸೇರಿದ್ದು ಪಶ್ಚಿಮ ಕರಾವಳಿಯ ಒಂದು ವಿಮಾನ ನೆಲೆಯ ಉದ್ದನೆಯ ಕೋಣೆಗೆ. ಅಲ್ಲಿ ಕಿಟಕಿಗಳಿಗೆ ಪರದೆ, ಏಕೆಂದರೆ ಬಿಸಿಲು ನೈಲಾನನ್ನು ತಿನ್ನುತ್ತದೆ. ಬೆವರಿದ ಕೈ ಇಡುವಂತಿಲ್ಲ. ಛತ್ರಿ ಹರಡಿ ಮಡಚಲು ಇಡೀ ಕೋಣೆಗೆ ಒಂದೇ ಮೇಜು, ಮತ್ತು ಗೋಡೆಯ ಮೇಲೆ ಸಾಮಾನುಗಳ ಆಕಾರ ಬರೆದ ಹಲಗೆ.

ಛತ್ರಿ ಮಡಚುವ ಕೆಲಸದ ಕಷ್ಟ ಹೊರಗಿನವರಿಗೆ ಬೇಗ ತಿಳಿಯುವುದಿಲ್ಲ. ಮಡಿಕೆಗಳು ಒಂದರ ಮೇಲೊಂದು ಗಟ್ಟಿಯಾಗಿ ಕೂತಿರಬೇಕು, ಆದರೆ ಕರೆದ ಕ್ಷಣದಲ್ಲಿ ತಡವರಿಸದೆ ಜಾರಬೇಕು. ಬಿಚ್ಚಿಕೊಳ್ಳುವಾಗ ಮೊದಲು ದಾರಗಳು, ಆಮೇಲೆ ಬಟ್ಟೆ, ಕೊನೆಗೆ ಗಾಳಿ: ಈ ಸರದಿ ತಪ್ಪುವಂತಿಲ್ಲ. ಯುದ್ಧವಿಮಾನದಲ್ಲಿ ಪೈಲಟ್ ಹ್ಯಾಂಡಲ್ ಎಳೆದರೆ ಸೀಟಿಗೆ ಸೀಟೇ ಸಿಡಿದು ಹೊರಬೀಳುತ್ತದೆ, ಬಳಿಕ ಛತ್ರಿ ತಾನಾಗಿ ಬಿಚ್ಚಿಕೊಳ್ಳುತ್ತದೆ. ಮರೆತುಹೋದ ಒಂದು ಸಣ್ಣ ಸಾಮಾನು ಒಳಗೆ ಉಳಿದಿದ್ದರೂ ಬಟ್ಟೆ ಹರಿದೀತು. ಅದಕ್ಕೇ ಹಲಗೆಯಲ್ಲಿ ಒಂದು ಜಾಗ ಖಾಲಿ ಕಂಡರೆ ಮಡಚಿದ್ದೆಲ್ಲ ಬಿಚ್ಚಬೇಕು.

ಅಧಿಕಾರಿಗಳ ಏಳಿಗೆಯನ್ನು ಪಾಲಯ್ಯ ನೋಡಿದ್ದು ಸೊಂಟದ ಕಡೆಯಿಂದ. ಪೈಲಟ್ಟನ್ನು ಸೀಟಿಗೆ ಬಿಗಿಯುವ ಬೆಲ್ಟುಗಳ ಅಳತೆ ತೆಗೆಯುವುದೂ ಅವರದೇ ಕೆಲಸವಾಗಿತ್ತು. "ಸಬ್‌ಲೆಫ್ಟಿನೆಂಟ್ ಬಂದಾಗ ಕಡ್ಡಿ ಇದ್ದಂಗಿರ್ತಾರೆ. ಲೆಫ್ಟಿನೆಂಟ್ ಕಮಾಂಡರ್ ಆಗೋ ಹೊತ್ತಿಗೆ ಬೆಲ್ಟಿನ ಒಂದು ಕಣ್ಣು ಸಡಿಲ ಬಿಡಬೇಕು. ಕಮಾಂಡರ್ ಆದ್ರೆ ಇನ್ನೊಂದು. ಬಡ್ತಿ ಸಿಕ್ಕಿದ್ದು ಅವರಿಗಿಂತ ಮುಂಚೆ ನಮಗೆ ಗೊತ್ತಾಗ್ತಿತ್ತು," ಎಂದು ಹೇಳುವಾಗ ಮೀಸೆ ಸ್ವಲ್ಪ ಅಲುಗುತ್ತದೆ. ಪತ್ರಿಕೆಯಲ್ಲಿ ಹಳೆಯ ಹೆಸರೊಂದು ಕಂಡರೆ ಅವರಿಗೆ ಮುಖ ನೆನಪಾಗುವುದಿಲ್ಲ. ಭುಜದ ಅಗಲ ನೆನಪಾಗುತ್ತದೆ.

ಆ ಕೋಣೆಯಲ್ಲಿ ಒಂದು ಪದ್ಧತಿ ಇತ್ತು. ಛತ್ರಿಯಿಂದ ಜೀವ ಉಳಿಸಿಕೊಂಡ ಪೈಲಟ್, ಆಸ್ಪತ್ರೆಯಿಂದ ಎದ್ದು ಬಂದ ಮೇಲೆ, ಅದನ್ನು ಮಡಚಿದವನ ಕೈಗೆ ಒಂದು ಬಾಟಲಿ ರಮ್ ಕೊಟ್ಟು ಕೈಕುಲುಕಬೇಕು. ಪಾಲಯ್ಯನವರಿಗೆ ಅದು ಒಮ್ಮೆ ಸಿಕ್ಕಿತು. ಇಂಜಿನ್ ಕೆಟ್ಟು ಸಮುದ್ರಕ್ಕೆ ಹಾರಿದ ಕುಟ್ಟಪ್ಪ ಎಂಬ ಕೊಡಗಿನ ಅಧಿಕಾರಿ ಬಾಟಲಿ ತಂದು, ಅಟೆನ್ಶನ್‌ನಲ್ಲಿ ನಿಂತಿದ್ದ ಇವರನ್ನು ತಬ್ಬಿಕೊಂಡಿದ್ದರು. ಕುಡಿಯದ ಪಾಲಯ್ಯ ಅದನ್ನು ಜತೆಯವರಿಗೆ ಹಂಚಿದರು.

ಇನ್ನೊಂದು ಪದ್ಧತಿಯೂ ಇತ್ತು. ಅದರ ಬಗ್ಗೆ ಯಾರೂ ಮಾತಾಡುತ್ತಿರಲಿಲ್ಲ. ಪೈಲಟ್ ವಾಪಸು ಬರದಿದ್ದರೆ, ತನಿಖೆ ಮುಗಿಯುವವರೆಗೆ ಮಡಚಿದವನನ್ನು ಮೇಜಿನಿಂದ ಎಬ್ಬಿಸಿ ಬೇರೆ ಕೆಲಸಕ್ಕೆ ಹಾಕುತ್ತಿದ್ದರು. ಅವನ ಸಾಮಾನಿಗೆ ಮೊಹರು ಬೀಳುತ್ತಿತ್ತು.

ಮೂವತ್ತು ವರ್ಷಕ್ಕೂ ಹಿಂದೆ, ಬರುವಾ ಎಂಬ ಅಸ್ಸಾಮಿನ ಯುವ ಲೆಫ್ಟಿನೆಂಟ್ ಬೆಳಗಿನ ಹಾರಾಟಕ್ಕೆ ಹೋದವರು ಬರಲಿಲ್ಲ. ಅವರ ಬೆನ್ನಿಗಿದ್ದುದು ಪಾಲಯ್ಯ ಮಡಚಿದ ಛತ್ರಿ. ಇವರನ್ನು ಉಗ್ರಾಣದ ಬಾಗಿಲು ಕಾಯಲು ಹಾಕಿದರು. ತನಿಖೆ ಮುಗಿಯುವ ಮುಂಚೆಯೇ ಪೂರ್ವ ಕರಾವಳಿಗೆ ವರ್ಗವಾಯಿತು. ಅಲ್ಲಿ ಕೆಲವು ತಿಂಗಳ ಮೇಲೆ ಮತ್ತೆ ಮೇಜಿಗೆ ನಿಲ್ಲಿಸಿದರು. ಏನಾಯಿತೆಂದು ಯಾರೂ ಹೇಳಲಿಲ್ಲ. ಮೇಲಿನವರನ್ನು ಒಮ್ಮೆ ಕೇಳಿದ್ದಕ್ಕೆ, "ಮೇಜು ಕೊಟ್ಟಾಯಿತಲ್ಲ, ಕೆಲಸ ನೋಡು," ಎಂಬ ಉತ್ತರ ಬಂತು. ಹಳೆಯ ನೆಲೆಯ ಅಡುಗೆಯವನೊಬ್ಬ ರೈಲು ನಿಲ್ದಾಣದಲ್ಲಿ ಸಿಕ್ಕವನು ಒಂದು ಮಾತು ಹೇಳಿದ: ಸಮುದ್ರದ ತಳದಿಂದ ಎತ್ತಿದಾಗ ಛತ್ರಿ ಚೀಲದೊಳಗೇ ಇತ್ತಂತೆ.

ಪಾಲಯ್ಯನವರಿಗೆ ಅಷ್ಟು ಸಾಕಾಯಿತು. ಬರುವಾ ಹ್ಯಾಂಡಲ್ ಎಳೆದೇ ಇರುತ್ತಾರೆ, ಬಿಚ್ಚಬೇಕಾದದ್ದು ಬಿಚ್ಚಿಲ್ಲ. ಎಲ್ಲಿ ತಪ್ಪಿತು ಎಂದು ಆ ಮಡಿಕೆಗಳನ್ನು ಮನಸ್ಸಿನಲ್ಲೇ ಬಿಚ್ಚಿ ಮಡಚುವುದು ಅಂದಿನಿಂದ ಶುರುವಾಯಿತು. ಪಿಂಚಣಿ ಪಡೆದು ಊರಿಗೆ ಬಂದ ಮೇಲೂ ಅದು ನಿಲ್ಲಲಿಲ್ಲ.

"ಈಯಪ್ಪ ಮನ್ಯಾಗಿದ್ರೆ ಒಗೆದಿಟ್ಟ ನನ್ನ ಸೀರೆ ಬಿಚ್ಚಿ ಬಿಚ್ಚಿ ಮಡಚಾದು. ಉಡಾಕೆ ಎತ್ಕಂಡ್ರೆ ಇಟ್ಟಿಗೆ ಇದ್ದಂಗಿರ್ತಿತ್ತು. ಎಲ್ಲಾದ್ರೂ ಅಂಗಡಿ ಇಟ್ಕ ಹೋಗಪ್ಪ ಅಂತ ನಾನೇ ಅಟ್ಟಿದೆ," ಎನ್ನುತ್ತಾರೆ ಹೆಂಡತಿ ಬರಗೇರಮ್ಮ. ಹಾಗೆ ಶುರುವಾದದ್ದು ಈ ಶೆಡ್ಡು. ಚಿತ್ರದುರ್ಗದ ಗುಡ್ಡಗಳ ಮೇಲೆ ಗಾಳಿಯಂತ್ರಗಳನ್ನು ತಿರುಗಿಸುವ ಗಾಳಿಯೇ ಹೆದ್ದಾರಿಯ ಟಾರ್ಪಾಲುಗಳನ್ನೂ ಹರಿದುಹಾಕುತ್ತದೆ. ದಿನಕ್ಕೆ ಮೂರೋ ನಾಲ್ಕೋ ಬರುತ್ತವೆ. ಹೊಳಲ್ಕೆರೆ ಕಡೆಯ ಅದಿರು ಲಾರಿಗಳದ್ದು ಬಂದರೆ ಅದೊಂದಕ್ಕೇ ದಿನವಿಡೀ ಹಿಡಿಯುತ್ತದೆ. ಕೆಂಪು ದೂಳು ಉಗುರಿನೊಳಗೆ ಕೂತು ವಾರಗಟ್ಟಲೆ ಹೋಗುವುದಿಲ್ಲ. ಬೆರಳ ಗಿಣ್ಣುಗಳು ಊದಿವೆ. ವೈದ್ಯರು ನೆಲದ ಮೇಲೆ ಕೂರಬೇಡಿ ಎಂದಿದ್ದಾರೆ.

"ಕುರ್ಚಿ ಮೇಲೆ ಕುಂತು ಟಾರ್ಪಾಲ್ ಹೊಲಿಯೋದು ಹೆಂಗೆ ಅಂತ ಅವರೇ ತೋರಿಸಿಕೊಡಲಿ," ಎಂದು ಪಾಲಯ್ಯ ಕೈ ಝಾಡಿಸುತ್ತಾರೆ.

ಹೋದ ತಿಂಗಳು ಮಗಳು ಚೈತ್ರಾ ಫೋನ್ ಮಾಡಿದ್ದಳು. ಅವಳು ಚಿತ್ರದುರ್ಗದ ಕಾಲೇಜೊಂದರ ಕಚೇರಿಯಲ್ಲಿದ್ದಾಳೆ.

"ಅಪ್ಪ, ನಮ್ಮ ಎನ್‌ಸಿಸಿ ಹುಡುಗರಿಗೆ ಭಾಷಣ ಮಾಡಾಕೆ ನೇವಿಯೋರು ಬರ್ತಾರೆ. ರಿಟೈರ್ ಆಗಿರೋ ಕಮೋಡೋರ್ ಕುಟ್ಟಪ್ಪ ಅಂತ. ನಿನಗೆ ಗೊತ್ತೈತಾ?"

"ಬಲಗಡೆ ಭುಜ ಒಂದೀಟು ಇಳಿಜಾರು," ಎಂದರಂತೆ ಪಾಲಯ್ಯ. ಬರುವಾ ಪ್ರಕರಣದ ತನಿಖಾ ಮಂಡಳಿಯಲ್ಲಿ ಕುಟ್ಟಪ್ಪ ಇದ್ದರೆಂಬುದು ಅವರಿಗೆ ಗೊತ್ತಿತ್ತು. ಒಂದು ವಾರ ಹೋಗುತ್ತೇನೆ ಎಂದರು, ಇನ್ನೊಂದು ವಾರ ಹೋಗುವುದಿಲ್ಲ ಎಂದರು.

"ಕೇಳಿದ್ರೆ ಏನ್ ಹೇಳಿಬಿಡ್ತಾರೋ ಅಂತ ಅಂಜಿಕೆ ಕಣೆ," ಎಂದದ್ದು ಹೆಂಡತಿಯ ಹತ್ತಿರ ಮಾತ್ರ.

"ಕೇಳದೇನೇ ಇಷ್ಟು ವರ್ಷ ಸತ್ತಿದ್ದೀಯಲ್ಲ, ಕೇಳಿಯೂ ಒಂದ್ ಸಲ ಸಾಯಿ. ಹೋಗಾಣ ನಡಿ," ಎಂದರು ಬರಗೇರಮ್ಮ. ಇಬ್ಬರೂ ಬಸ್ಸು ಹತ್ತಿದರು.

ಸಭಾಂಗಣದಲ್ಲಿ ಪಾಲಯ್ಯ ಕೊನೆಯ ಸಾಲಿನಲ್ಲಿ ಕೂತರು. ವೇದಿಕೆಯ ಮೇಲೆ ನರೆಗೂದಲಿನ ಕುಟ್ಟಪ್ಪ ನೌಕಾಪಡೆಯ ಪೈಲಟ್ ಆಗುವುದು ಹೇಗೆ ಎಂದು ಹೇಳಿದರು. ತಮ್ಮ ಓರಗೆಯವರ ಹೆಸರು ಹೇಳಿದರು. ಒಬ್ಬರು ವಿಮಾನವಾಹಕ ಹಡಗಿನ ಕಪ್ತಾನರಾದದ್ದು, ಒಬ್ಬರು ಹೊಸ ವಿಮಾನಗಳನ್ನು ಪರೀಕ್ಷಿಸುವ ಪೈಲಟ್ ಆದದ್ದು, ಇನ್ನೊಬ್ಬರು ಒಂದಿಡೀ ತಲೆಮಾರಿಗೆ ಹಾರಾಟ ಕಲಿಸಿದ್ದು. ಕೊನೆಗೆ ಲೆಫ್ಟಿನೆಂಟ್ ಆಗಿಯೇ ಉಳಿದುಹೋದವನು ಎಂದು ಬರುವಾ ಹೆಸರು ಹೇಳಿದರು. ಪಾಲಯ್ಯ ಎದುರಿನ ಕುರ್ಚಿಯ ಬೆನ್ನು ಹಿಡಿದುಕೊಂಡರು.

ಊಟದ ಗಲಾಟೆಯ ನಡುವೆ ಚೈತ್ರಾ ಅಪ್ಪನನ್ನು ಮುಂದಕ್ಕೆ ಕರೆದೊಯ್ದಳು. ಕುಟ್ಟಪ್ಪ ಎರಡು ಸಲ ನೋಡಿದರು. "ಪಾಲಯ್ಯ! ನನ್ನ ರಮ್ಮನ್ನ ಬೇರೆಯವರಿಗೆ ಕುಡಿಸಿದವನು," ಎಂದು ಹೆಗಲು ಹಿಡಿದರು.

ಪಾಲಯ್ಯ ನಗಲಿಲ್ಲ. "ಸಾರ್, ಬರುವಾ ಸಾಹೇಬ್ರ ಛತ್ರಿ ಯಾಕೆ ಬಿಚ್ಚಲಿಲ್ಲ?"

ಕುಟ್ಟಪ್ಪನವರಿಗೆ ಪ್ರಶ್ನೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. "ಬಿಚ್ಚೋದಕ್ಕೆ ಅವನು ಹ್ಯಾಂಡಲ್ ಎಳೆಯಲೇ ಇಲ್ಲವಲ್ಲ ಪಾಲಯ್ಯ. ನೀರಿಗೆ ತೀರಾ ಹತ್ತಿರ ತಿರುಗಿದ್ದ. ಸಮಯವೇ ಇರಲಿಲ್ಲ. ಸೀಟು ವಿಮಾನದ ಒಳಗೇ ಸಿಕ್ಕಿತು."

"ಸೀಟು ಒಳಗಿತ್ತಾ?"

"ಒಳಗೇ ಇತ್ತು. ಆ ಚೀಲವನ್ನ ಮೇಜಿನ ಮೇಲಿಟ್ಟು ನಾವೇ ಬಿಚ್ಚಿ ನೋಡಿದೆವು. ಉಪ್ಪುನೀರಲ್ಲಿ ನೆಂದಿತ್ತು, ಆದರೆ ಒಂದು ಮಡಿಕೆ ಅಲುಗಿರಲಿಲ್ಲ. ಕೆಲಸದಲ್ಲಿ ದೋಷವಿಲ್ಲ ಅಂತಲೇ ಬರೆದೆವು." ಕುಟ್ಟಪ್ಪ ತಡೆದು ಕೇಳಿದರು, "ನಿನಗೆ ಯಾರೂ ಹೇಳಲಿಲ್ಲವಾ?"

"ಇಲ್ಲ ಸಾರ್."

"ಎಲ್ಲರಿಗೂ ಗೊತ್ತು ಅಂದುಕೊಂಡಿದ್ದೆ," ಎಂದರು ಕುಟ್ಟಪ್ಪ. ಅಷ್ಟರಲ್ಲಿ ಯಾರೋ ಫೋಟೋಗೆ ಕರೆದರು. ಅವರು ಹೋಗಲಿಲ್ಲ. ಪಾಲಯ್ಯನವರ ಊದಿದ ಬೆರಳುಗಳನ್ನು ತಮ್ಮ ಎರಡೂ ಕೈಯಲ್ಲಿ ಹಿಡಿದು ನಿಂತರು.

ವಾಪಸು ಬರುವಾಗ ಬಸ್ಸಿನಲ್ಲಿ ಪಾಲಯ್ಯ ಹೆಂಡತಿಯ ಭುಜಕ್ಕೆ ಒರಗಿ ನಿದ್ದೆ ಹೋದರು. ಆದಿವಾಲ ಬಂದಾಗ ಎಬ್ಬಿಸಬೇಕಾಯಿತು. ಅಂಥ ನಿದ್ದೆಯನ್ನು ತಾನು ಮದುವೆಯಾದಾಗಿಂದ ಕಂಡಿಲ್ಲ ಎನ್ನುತ್ತಾರೆ ಬರಗೇರಮ್ಮ.

ನಿರಾಳವಾಯಿತೇ ಎಂದು ಕೇಳಿದರೆ ಪಾಲಯ್ಯ, "ಸುಸ್ತಾಗೈತೆ," ಎನ್ನುತ್ತಾರೆ. "ಹೊತ್ತಿದ್ದಾಗ ಗೊತ್ತಾಗಲಿಲ್ಲ, ಇಳಿಸಿದ ಮ್ಯಾಲೆ ಮೈಯೆಲ್ಲಾ ನೋವು." ಸಿಟ್ಟಿಲ್ಲವೇ ಎಂದರೆ, ಯಾರ ಮೇಲೆ ಎಂದು ತಿರುಗಿ ಕೇಳುತ್ತಾರೆ. ಒಂದೇ ಒಂದು ಆಸೆ ಇದೆಯಂತೆ. ಆವತ್ತು ಭಾಷಣ ಕೇಳಿದ ಹುಡುಗ ಹುಡುಗಿಯರಲ್ಲಿ ಯಾರಾದರೂ ಮುಂದೆ ಅಧಿಕಾರಿಯಾದರೆ, ಏನಾಯಿತೆಂದು ಛತ್ರಿ ಮಡಚಿದವನನ್ನು ಕರೆದು ಹೇಳಿಬಿಡಬೇಕು. ಒಳ್ಳೆಯದಿರಲಿ, ಕೆಟ್ಟದ್ದಿರಲಿ.

ಮಾತು ಮುಗಿಯಿತೆಂಬಂತೆ ಅವರು ಮುಂದಿನ ಟಾರ್ಪಾಲನ್ನು ಎಳೆದುಕೊಳ್ಳುತ್ತಾರೆ. ಅಂಗೈ ಬಟ್ಟೆಯ ಮೇಲೆ ಹರಿದಾಡತೊಡಗುತ್ತದೆ. ಒಂದು ಮೂಲೆ ತಲುಪಿದ ಮೇಲೆ, ತಲೆ ಎತ್ತದೆ ಹೇಳುತ್ತಾರೆ:

"ಒಂದು ಮಡಿಕೆ ಅಲುಗಿರಲಿಲ್ಲ ಅಂದ್ರು ಸಾಹೇಬ್ರು. ಕೆಲಸ ಚೆಂದ ಮಾಡಿದ್ದೆ, ಸುಳ್ಳಲ್ಲ. ಆದ್ರೂ ಆ ಹುಡುಗ ಹ್ಯಾಂಡಲ್ ಎಳೆದು ಬದುಕ್ಕಂಡು, ಛತ್ರಿ ಹರಿದು ಚಿಂದಿಯಾಗಿ ನನ್ನ ಮೇಜಿಗೆ ಬಂದಿದ್ರೆ ಎಷ್ಟು ಚೆಂದಿರ್ತಿತ್ತು."